ಸಹಭಾಗಿತ್ವ ಮುಗಿದ ಮರುವರ್ಷ ಸಂಬಳ ಕೊಡುವವರು ಯಾರು?

ನಿಮ್ಮ ಪ್ರಶ್ನೆಯನ್ನು ನಾನು ಗ್ರಹಿಸಿದ್ದು ಹೀಗೆ: ಬೆಂಗಳೂರಿನ ನಿಮ್ಮ ಸಂಸ್ಥೆಯು ಪೂರ್ವ ಆಫ್ರಿಕಾದ ಒಂದು ಸರ್ಕಾರಿ ತರಬೇತಿ ಕೇಂದ್ರದೊಡನೆ ಮೂರು ವರ್ಷಗಳ ಒಪ್ಪಂದಕ್ಕೆ ಸಹಿ ಹಾಕಲು ಹೊರಟಿದೆ, ಹಣ ಕೊಡುವವರು ಮೂರನೆಯ ದೇಶದವರು, ಆ ಹಣ ನಿಂತ ಮೇಲೆ ಅಲ್ಲಿ ಏನಾದರೂ ಉಳಿಯುತ್ತದೆಯೇ, ಇಲ್ಲವೇ ವರದಿ ಮತ್ತು ಫೋಟೊಗಳಷ್ಟೇ ಉಳಿಯುತ್ತವೆಯೇ ಎಂಬುದು ನಿಮ್ಮ ಸಂಶಯ.

ಕೆಲವು ಕಡೆ ಉಳಿಯುತ್ತದೆ, ಹಲವು ಕಡೆ ಉಳಿಯುವುದಿಲ್ಲ. ಯಾವುದು ಉಳಿಯುವಂಥದ್ದು ಎಂಬುದನ್ನು ಬಹುಮಟ್ಟಿಗೆ ಒಪ್ಪಂದದ ಕರಡು ನೋಡಿಯೇ ಹೇಳಬಹುದು. ನಾನು ನಿವೃತ್ತಿಯಾಗುವವರೆಗೆ ಇದೇ ಊರಿನ ಒಂದು ತರಬೇತಿ ಸಂಸ್ಥೆಯಲ್ಲಿ ಹೊರದೇಶಗಳ ಅಧಿಕಾರಿಗಳಿಗೆ ನಡೆಯುವ ಅಲ್ಪಾವಧಿ ಕೋರ್ಸುಗಳ ಉಸ್ತುವಾರಿ ನೋಡಿಕೊಳ್ಳುತ್ತಿದ್ದೆ. ಈಗಲೂ ಯಾರಾದರೂ ಇಂಥ ಪ್ರಸ್ತಾವವನ್ನು ಓದಲು ಕೊಟ್ಟರೆ ಗುರಿ, ಧ್ಯೇಯ, ನಿರೀಕ್ಷಿತ ಫಲಿತಾಂಶಗಳ ಪುಟಗಳನ್ನು ದಾಟಿ ಕೊನೆಯ ಆಯವ್ಯಯದ ಕೋಷ್ಟಕಕ್ಕೇ ಹೋಗುತ್ತೇನೆ. ಯೋಜನೆ ಮುಗಿದ ಮರುವರ್ಷ ಆ ಕೆಲಸ ಮಾಡುವವರ ಸಂಬಳ ಯಾವ ಲೆಕ್ಕಶೀರ್ಷಿಕೆಯಿಂದ, ಅಂದರೆ ಬಜೆಟ್ಟಿನ ಯಾವ ಬಾಬಿನಿಂದ, ಬರುತ್ತದೆ, ಆ ಹುದ್ದೆ ಅಲ್ಲಿನ ಸರ್ಕಾರ ಮಂಜೂರು ಮಾಡಿದ್ದೋ ಅಥವಾ ಯೋಜನೆಯ ಗುತ್ತಿಗೆ ಹುದ್ದೆಯೋ ಎಂಬುದು ಅಲ್ಲಿ ಕಾಣಬೇಕು. ಕಾಣದಿದ್ದರೆ ಉಳಿದದ್ದನ್ನು ಎಷ್ಟು ಚೆನ್ನಾಗಿ ಬರೆದಿದ್ದರೂ ನನಗೆ ನಂಬಿಕೆ ಬರುವುದಿಲ್ಲ.

ಉಳಿದುಕೊಂಡದ್ದಕ್ಕೆ ಉದಾಹರಣೆ ಬೇಕೆಂದರೆ ದೂರ ಹೋಗಬೇಕಿಲ್ಲ. ರಾಜಾಜಿನಗರದ ಕೈಗಾರಿಕಾ ಪ್ರದೇಶದಲ್ಲಿರುವ ಸರ್ಕಾರಿ ಉಪಕರಣಾಗಾರ ಮತ್ತು ತರಬೇತಿ ಕೇಂದ್ರ, ಅಂದರೆ ನಾವೆಲ್ಲ ಜಿಟಿಟಿಸಿ ಎನ್ನುವ ಸಂಸ್ಥೆ, 1972ರಲ್ಲಿ ಡೆನ್ಮಾರ್ಕ್ ಸರ್ಕಾರದ ನೆರವಿನಿಂದ ಆರಂಭವಾದದ್ದು. ಡೇನರು ಹೋಗಿ ದಶಕಗಳೇ ಕಳೆದಿವೆ. ಸಂಸ್ಥೆಯೋ ರಾಜ್ಯದ ಹಲವು ಜಿಲ್ಲೆಗಳಿಗೆ ಹರಡಿದೆ. ಟೂಲ್ ರೂಮ್ ತರಬೇತಿಯನ್ನು ಹತ್ತಿರದಿಂದ ನೋಡಿದವರಿಗೆ ಇದರ ಕಾರಣ ಹೊಳೆಯುತ್ತದೆ. ಹೊಸದಾಗಿ ಸೇರಿದ ಹುಡುಗನನ್ನು ಮೊದಲು ದೊಡ್ಡ ಯಂತ್ರದ ಮುಂದೆ ನಿಲ್ಲಿಸುವುದಿಲ್ಲ. ಬೆಂಚ್ ವೈಸಿನಲ್ಲಿ ಒಂದು ಕಬ್ಬಿಣದ ತುಂಡನ್ನು ಬಿಗಿದು ಕೈಗೆ ಅರ ಕೊಡುತ್ತಾರೆ. ಅವನು ಉಜ್ಜಿ ಸಮ ಮಾಡಿದ ಮೇಲ್ಮೈಗೆ ಬೋಧಕರು ಟ್ರೈ ಸ್ಕ್ವೇರ್ ಹಿಡಿದು ಕಿಟಕಿಯ ಬೆಳಕಿಗೆ ಎತ್ತುತ್ತಾರೆ. ನಡುವೆ ಬೆಳಕಿನ ಗೆರೆ ಇಣುಕಿದರೆ ತುಂಡು ಮತ್ತೆ ವೈಸಿಗೆ. ಇದು ಯುರೋಪಿನ ಕಸುಬುಗಾರಿಕೆಯ ಶಿಸ್ತು, ಇಲ್ಲಿಗೆ ಬಂದು ಇಲ್ಲಿಯದೇ ಆಯಿತು. ಆದರೆ ಶಿಸ್ತೊಂದರಿಂದಲೇ ಸಂಸ್ಥೆ ಉಳಿಯಲಿಲ್ಲ. ಬೋಧನೆಯ ಜೊತೆಗೆ ಅಲ್ಲಿ ಉತ್ಪಾದನೆಯೂ ನಡೆಯುತ್ತದೆ. ಅಚ್ಚು, ಡೈ, ನಿಖರ ಅಳತೆಯ ಬಿಡಿಭಾಗಗಳಿಗೆ ಕಾರ್ಖಾನೆಗಳಿಂದ ಆರ್ಡರ್ ಬರುತ್ತದೆ, ಹಣವೂ ಬರುತ್ತದೆ. ಯಂತ್ರ ಕೆಟ್ಟು ನಿಂತರೆ ಗ್ರಾಹಕನಿಗೆ ಉತ್ತರ ಕೊಡಬೇಕಾಗುವುದರಿಂದ ದುರಸ್ತಿಯ ಕಡತ ಮೇಜಿನ ಮೇಲೆ ಕೊಳೆಯುವುದಿಲ್ಲ. ಕಲಿತು ಹೊರಬಂದವರಿಗೆ ಕೆಲಸ ಕೊಡಲು ಪೀಣ್ಯದ ಕೈಗಾರಿಕೆಗಳು ಪಕ್ಕದಲ್ಲೇ ಇವೆ. ಹೊರಗಿನಿಂದ ಬಂದ ವಿದ್ಯೆಗೆ ಸ್ಥಳೀಯ ಬೇಡಿಕೆ, ಸ್ವಂತ ಆದಾಯ, ಸರ್ಕಾರದ ಒಪ್ಪಿಗೆ ಇರುವ ಸ್ವಾಯತ್ತ ಆಡಳಿತ ಮೂರೂ ಕೂಡಿ ಬಂದವು.

ಇದಕ್ಕೆ ತದ್ವಿರುದ್ಧವಾದದ್ದನ್ನು ಆಫ್ರಿಕಾದ ಒಂದು ದೇಶದ ಜಿಲ್ಲಾ ಆಸ್ಪತ್ರೆಯಲ್ಲಿ ಕಂಡಿದ್ದೇನೆ. ದೇಶದ ಹೆಸರು ಬೇಡ, ಏಕೆಂದರೆ ಇಂಥದ್ದು ನಮ್ಮ ತಾಲ್ಲೂಕು ಆಸ್ಪತ್ರೆಗಳಲ್ಲೂ ಅಪರೂಪವಲ್ಲ. ಪ್ರಯೋಗಾಲಯದ ಒಂದು ಮೂಲೆಯಲ್ಲಿ ರಕ್ತಪರೀಕ್ಷೆಯ ಸ್ವಯಂಚಾಲಿತ ಯಂತ್ರಕ್ಕೆ ಪ್ಲಾಸ್ಟಿಕ್ ಹೊದಿಸಿ ಇಟ್ಟಿದ್ದರು, ಅದರ ಮೇಲೆ ದಾನಿ ಸಂಸ್ಥೆಯ ಸ್ಟಿಕ್ಕರ್ ಹೊಸದರಂತೆಯೇ ಹೊಳೆಯುತ್ತಿತ್ತು. ಯಂತ್ರ ಕೆಟ್ಟಿರಲಿಲ್ಲ. ಅದಕ್ಕೆ ಹಾಕುವ ರಾಸಾಯನಿಕ ದ್ರಾವಣ ಅದೇ ಕಂಪನಿಯದೇ ಆಗಬೇಕು, ಬೇರೆಯವರದನ್ನು ಯಂತ್ರ ಸ್ವೀಕರಿಸುವುದಿಲ್ಲ. ಅದನ್ನು ಆಮದು ಮಾಡಿಕೊಳ್ಳಲು ಆಸ್ಪತ್ರೆಯ ಬಜೆಟ್ಟಿನಲ್ಲಿ ಅವಕಾಶವೇ ಇರಲಿಲ್ಲ. ಯೋಜನೆ ನಡೆಯುತ್ತಿದ್ದಷ್ಟು ಕಾಲ ದಾನಿಗಳೇ ತರಿಸಿಕೊಟ್ಟಿದ್ದರು. ಅದನ್ನು ನಡೆಸಲು ತರಬೇತಿ ಪಡೆದಿದ್ದ ತಂತ್ರಜ್ಞೆಗೆ ರಾಜಧಾನಿಗೆ ವರ್ಗವಾಗಿತ್ತು. ಪಕ್ಕದ ಮೇಜಿನ ಮೇಲೆ, ಕೆಳಗಿನ ಕನ್ನಡಿಯಿಂದ ಬಿಸಿಲು ಹಾಯಿಸಿಕೊಳ್ಳುವ ಹಳೆಯ ಸೂಕ್ಷ್ಮದರ್ಶಕದಲ್ಲಿ ಒಬ್ಬ ಹುಡುಗ ಮಲೇರಿಯಾ ಸ್ಲೈಡುಗಳನ್ನು ಒಂದಾದ ಮೇಲೊಂದು ನೋಡುತ್ತಿದ್ದ. ಆ ಆಸ್ಪತ್ರೆಯ ನಿಜವಾದ ಸಾಮರ್ಥ್ಯ ಅಲ್ಲಿತ್ತು, ಮತ್ತು ಅದನ್ನು ಹೆಚ್ಚಿಸುವ ಬಗ್ಗೆ ಪ್ರಸ್ತಾವದಲ್ಲಿ ಒಂದು ಸಾಲೂ ಇರಲಿಲ್ಲ. ಯಂತ್ರ ಕೊಡುವುದು ತಪ್ಪೆಂದು ನಾನು ಹೇಳುತ್ತಿಲ್ಲ. ಯಂತ್ರದ ಬೆಲೆಯ ಜೊತೆಗೆ ಅದರ ವರ್ಷವರ್ಷದ ಖರ್ಚನ್ನೂ ಬರೆದು, ಅದನ್ನು ಯಾರು ಭರಿಸುತ್ತಾರೆಂಬುದಕ್ಕೆ ಅಲ್ಲಿನ ಹಣಕಾಸು ಇಲಾಖೆಯ ಸಹಿ ಪಡೆಯದಿರುವುದು ತಪ್ಪು.

ತರಬೇತಿಯ ವಿಷಯದಲ್ಲಿ ನನ್ನದೇ ವೃತ್ತಿಯ ಮಿತಿಯನ್ನು ಹೇಳಬೇಕು. ಭಾರತ ಸರ್ಕಾರದ ತಾಂತ್ರಿಕ ಮತ್ತು ಆರ್ಥಿಕ ಸಹಕಾರ ಕಾರ್ಯಕ್ರಮ, ಅಂದರೆ ಐಟೆಕ್, 1964ರಲ್ಲಿ ಆರಂಭವಾಯಿತು. ಅಂದಿನಿಂದ ಇಂದಿನವರೆಗೆ ಏಷ್ಯಾ, ಆಫ್ರಿಕಾ, ಲ್ಯಾಟಿನ್ ಅಮೆರಿಕದ ಅಧಿಕಾರಿಗಳು ಇಲ್ಲಿಗೆ ಬಂದು ಕೆಲವು ವಾರ ಅಥವಾ ತಿಂಗಳು ಕಲಿತು ಹೋಗುತ್ತಾರೆ, ವಿಮಾನದ ಟಿಕೆಟ್ಟಿನಿಂದ ಹಿಡಿದು ಊಟ ವಸತಿಯವರೆಗೆ ಖರ್ಚು ನಮ್ಮ ಸರ್ಕಾರದ್ದು. ಸ್ನೇಹ ಬೆಳೆಸಲು ಇದಕ್ಕಿಂತ ಒಳ್ಳೆಯ ಉಪಾಯವಿಲ್ಲ. ಆದರೆ ಇಂಥ ಕೋರ್ಸು ಬೆಳೆಸುವುದು ವ್ಯಕ್ತಿಯನ್ನು. ಒಂದು ಕಚೇರಿಯಿಂದ ಒಬ್ಬನೇ ಬಂದು ಕಲಿತು ಹೋದರೆ, ಅಲ್ಲಿ ಅವನ ಮೇಲಧಿಕಾರಿಗೆ ಹೊಸ ಪದ್ಧತಿ ಗೊತ್ತಿರುವುದಿಲ್ಲ, ಕೆಳಗಿನವರಿಗೆ ಅದು ಬೇಕಾಗಿರುವುದಿಲ್ಲ, ಆರು ತಿಂಗಳೊಳಗೆ ಅವನೂ ಹಳೆಯ ದಾರಿಗೇ ಬರುತ್ತಾನೆ. ಮಧುರೈನ ಅರವಿಂದ ಕಣ್ಣಿನ ಆಸ್ಪತ್ರೆಯವರು 1992ರಲ್ಲಿ ಕಟ್ಟಿದ ಲೈಕೊ ಎಂಬ ಸಂಸ್ಥೆ ಇದನ್ನು ಬೇರೆ ರೀತಿಯಲ್ಲಿ ಮಾಡುತ್ತದೆ. ಮೊದಲು ಆ ಆಸ್ಪತ್ರೆಗೇ ಹೋಗಿ ನೋಡುತ್ತಾರೆ. ಆಮೇಲೆ ಮುಖ್ಯಸ್ಥರು, ವೈದ್ಯರು, ದಾದಿಯರು, ಆಡಳಿತಗಾರರು ಎಲ್ಲರನ್ನೂ ಒಂದು ತಂಡವಾಗಿ ಕರೆಸಿಕೊಂಡು ಅವರ ಯೋಜನೆಯನ್ನು ಅವರಿಂದಲೇ ಬರೆಸುತ್ತಾರೆ. ಬಳಿಕ ಹಿಂಬಾಲಿಸಿ ವಿಚಾರಿಸುತ್ತಾರೆ. ನನ್ನನ್ನು ಕೇಳಿದರೆ ನಿಮ್ಮ ತರಬೇತಿ ಹಣವನ್ನೆಲ್ಲ ಹತ್ತು ಕಚೇರಿಗಳ ಹತ್ತು ಜನರಿಗೆ ಹಂಚುವ ಬದಲು ಒಂದೇ ಕಚೇರಿಯ ಹತ್ತು ಜನರಿಗೆ ಖರ್ಚು ಮಾಡಿ. ವರದಿಯಲ್ಲಿ ಕಡಿಮೆ ಶೋಭಿಸುತ್ತದೆ, ಅಷ್ಟೆ.

ನಮ್ಮ ಕೃಷಿಯ ಚರಿತ್ರೆಯಲ್ಲಿ ಇನ್ನೊಂದು ಸೂಕ್ಷ್ಮವಿದೆ. ಕೆನಡಾದ ಲೆಸ್ಲಿ ಕೋಲ್ಮನ್ 1908ರಲ್ಲಿ ಮೈಸೂರು ಸರ್ಕಾರದ ಸೇವೆಗೆ ಬಂದರು. ಅಡಿಕೆಯ ಕೊಳೆರೋಗಕ್ಕೆ ಬೋರ್ಡೋ ದ್ರಾವಣ ಸಿಂಪಡಿಸುವ ಪದ್ಧತಿಯನ್ನು ನೆಲೆಗೊಳಿಸಿದವರು ಅವರು; ಇವತ್ತಿಗೂ ಮಳೆಗಾಲ ಬಂತೆಂದರೆ ಮಲೆನಾಡಿನ ತೋಟಗಳಲ್ಲಿ ಮೈಲುತುತ್ತ, ಸುಣ್ಣ ಕಲಸುವುದು ನಡೆದೇ ಇದೆ. ಅವರು ವಿದೇಶಿ ತಜ್ಞರು ನಿಜ, ಆದರೆ ಸಂಬಳ ಮೈಸೂರಿನ ಖಜಾನೆಯದು, ಉತ್ತರ ಹೇಳಬೇಕಾದದ್ದು ಮೈಸೂರಿನ ಸರ್ಕಾರಕ್ಕೆ, ಬಿಡಿಸಬೇಕಾದ ಸಮಸ್ಯೆ ಇಲ್ಲಿನ ತೋಟದವರದು. ಮುಂದೆ 1964ರಲ್ಲಿ ಬೆಂಗಳೂರಿನ ಕೃಷಿ ವಿಶ್ವವಿದ್ಯಾಲಯ ಸ್ಥಾಪನೆಯಾದಾಗ ಅಮೆರಿಕದ ನೆರವಿನಡಿ ಟೆನೆಸಿ ವಿಶ್ವವಿದ್ಯಾಲಯ ಜೊತೆಗೂಡಿತು, ಬೋಧನೆ, ಸಂಶೋಧನೆ, ವಿಸ್ತರಣೆ (ಅಂದರೆ ಕಲಿತದ್ದನ್ನು ರೈತರಿಗೆ ತಲುಪಿಸುವುದು) ಮೂರನ್ನೂ ಒಂದೇ ಸೂರಿನಡಿ ತರುವ ಅವರ ಮಾದರಿಯೂ ಬಂತು. ಆ ಮಾದರಿ ಇಲ್ಲಿ ನಿಂತದ್ದಕ್ಕೆ ಒಂದು ಕಾರಣ, ಹೆಬ್ಬಾಳ ಮತ್ತು ಮಂಡ್ಯದ ವಿ.ಸಿ. ಫಾರಂ ಎಂಬ ಕೃಷಿ ಕೇಂದ್ರಗಳಲ್ಲಿ ಅದಕ್ಕೆ ಮೊದಲೇ ಕೆಲಸ ಬಲ್ಲವರು ಇದ್ದರು ಎಂಬುದು. ತಳಿ ವಿಜ್ಞಾನಿ ರಾಗಿ ಲಕ್ಷ್ಮಣಯ್ಯನವರು ನಮ್ಮ ರಾಗಿಯನ್ನು ಆಫ್ರಿಕಾದ ರಾಗಿಯೊಡನೆ ಸಂಕರಗೊಳಿಸಿ ಇಂಡಾಫ್ ತಳಿಗಳನ್ನು ಕೊಟ್ಟದ್ದು ಆ ಪರಂಪರೆಯಲ್ಲೇ. ನಾವು ಆಫ್ರಿಕಾಕ್ಕೆ ಕಲಿಸಲು ಹೊರಟಾಗ ಅಲ್ಲಿಂದ ಪಡೆದ ಈ ಬೀಜದ ಸಾಲವನ್ನೂ ನೆನೆಯುವುದು ಒಳ್ಳೆಯದು, ಮಾತಿನ ಧಾಟಿ ತಾನಾಗಿ ಬದಲಾಗುತ್ತದೆ.

ದಾನಿ ದೇಶಗಳಿಗೆ ಇದೆಲ್ಲ ಗೊತ್ತಿಲ್ಲವೆಂದಲ್ಲ. ವಿದೇಶಿ ನೆರವು ಹೆಚ್ಚು ಫಲಕಾರಿಯಾಗಲೆಂದು ಮಾಡಿಕೊಂಡ 2005ರ ಪ್ಯಾರಿಸ್ ಘೋಷಣೆಯಲ್ಲಿ ಅವರೇ ಒಪ್ಪಿಕೊಂಡ ಗುರಿಗಳಲ್ಲಿ ಒಂದು, ಸರ್ಕಾರಿ ಇಲಾಖೆಯ ಪಕ್ಕದಲ್ಲಿ ಪ್ರತ್ಯೇಕವಾಗಿ ಕಟ್ಟುವ ಯೋಜನಾ ಘಟಕಗಳನ್ನು 2010ರೊಳಗೆ ಮೂರನೇ ಎರಡರಷ್ಟು ಕಡಿಮೆ ಮಾಡುವುದು. ಜಾಗತಿಕ ಮಟ್ಟದ ಹದಿಮೂರು ಗುರಿಗಳಲ್ಲಿ ಆ ಹೊತ್ತಿಗೆ ಈಡೇರಿದ್ದು ಒಂದೇ, ಅದು ಇದಲ್ಲ. ಇಂಥ ಘಟಕಗಳಿಗೆ ಇರುವ ಆಕರ್ಷಣೆ ಸರಳವಾದದ್ದು: ಕೆಲಸ ಬೇಗ ಆಗುತ್ತದೆ, ಲೆಕ್ಕಪತ್ರ ದಾನಿಗೆ ಬೇಕಾದ ನಮೂನೆಯಲ್ಲಿ ಸಿಗುತ್ತದೆ. ಆದರೆ ಇಲಾಖೆಯ ಚುರುಕಾದ ಇಬ್ಬರು ಮೂವರು ಹೆಚ್ಚಿನ ಸಂಬಳಕ್ಕೆ ಘಟಕ ಸೇರುತ್ತಾರೆ, ಇಲಾಖೆ ಮೊದಲಿಗಿಂತ ಬಡವಾಗುತ್ತದೆ, ಘಟಕ ಮುಚ್ಚಿದ ದಿನ ಅವರು ಮುಂದಿನ ದಾನಿಯ ಬಾಗಿಲಿಗೆ ಹೋಗುತ್ತಾರೆ. ನಿಮ್ಮ ಕರಡಿನಲ್ಲಿ ಪ್ರತ್ಯೇಕ ಯೋಜನಾ ಕಚೇರಿ ಇದ್ದರೆ ಅದನ್ನು ತೆಗೆಸಲು ಈಗಲೇ ಪ್ರಯತ್ನಿಸಿ.

ತಂತ್ರಾಂಶದ ಕ್ಷೇತ್ರದಲ್ಲಿ ಬೆಂಗಳೂರಿಗೇ ಸೇರಿದ ಒಂದು ಪ್ರಯೋಗವಿದೆ. ಎಲೆಕ್ಟ್ರಾನಿಕ್ ಸಿಟಿಯ ಐಐಐಟಿಯಲ್ಲಿ 2018ರಲ್ಲಿ ಆರಂಭವಾದ ಮೋಸಿಪ್, ದೇಶಗಳು ತಮ್ಮ ಪ್ರಜೆಗಳ ಗುರುತು ವ್ಯವಸ್ಥೆ ಕಟ್ಟಿಕೊಳ್ಳಲು ಬಳಸಬಹುದಾದ ಮುಕ್ತ ತಂತ್ರಾಂಶ; ಫಿಲಿಪ್ಪೀನ್ಸ್, ಇಥಿಯೋಪಿಯಾ ಮುಂತಾದ ದೇಶಗಳು ಬಳಸುತ್ತಿವೆ. ಮೂಲ ಸಂಕೇತ ಎಲ್ಲರಿಗೂ ತೆರೆದಿರುವುದರಿಂದ ಒಂದೇ ಕಂಪನಿಗೆ ಕಟ್ಟುಬೀಳುವ ಅಪಾಯ ಕಡಿಮೆ. ಆದರೂ ಆ ಸಂಕೇತವನ್ನು ಓದಿ ತಿದ್ದಬಲ್ಲ ಎಂಜಿನಿಯರುಗಳು ಆ ದೇಶದ ಪ್ರಾಧಿಕಾರದ ಒಳಗೇ ಇಲ್ಲದಿದ್ದರೆ, ಕಟ್ಟು ತಂತ್ರಾಂಶದ ಕಂಪನಿಯಿಂದ ಕಳಚಿ ಅದನ್ನು ಅಳವಡಿಸಿಕೊಟ್ಟ ಗುತ್ತಿಗೆದಾರನ ಕೈಗೆ ಹೋಗುತ್ತದೆ ಎಂಬುದು ನನ್ನ ಅಭಿಪ್ರಾಯ.

ಇನ್ನು ನಿಮ್ಮ ಒಪ್ಪಂದಕ್ಕೆ ಬರೋಣ. ಸಹಿಗೆ ಮೊದಲು ಆ ತರಬೇತಿ ಕೇಂದ್ರದ ಈ ವರ್ಷದ ಬಜೆಟ್ ಪುಟ ಮತ್ತು ಮಂಜೂರಾದ ಹುದ್ದೆಗಳ ಪಟ್ಟಿಯನ್ನು ಕೇಳಿ ಪಡೆಯಿರಿ. ಎಷ್ಟು ಹುದ್ದೆ ಖಾಲಿ ಇವೆ ಎಂಬುದು ಅಲ್ಲೇ ತಿಳಿಯುತ್ತದೆ. ಬೋಧಕರ ಸಂಬಳದ ಪಾಲನ್ನು ಮೊದಲ ವರ್ಷ ಯೋಜನೆ ಹೆಚ್ಚು ಹೊರಲಿ, ಎರಡನೆಯ ವರ್ಷ ಅರ್ಧ, ಮೂರನೆಯ ವರ್ಷ ಪೂರ್ತಿ ಅಲ್ಲಿನ ಸರ್ಕಾರವೇ ಹೊರಲಿ, ಮತ್ತು ಇದು ತಿಳಿವಳಿಕೆ ಪತ್ರದ ಪೀಠಿಕೆಯಲ್ಲಲ್ಲ, ಷರತ್ತುಗಳಲ್ಲಿ ಬರಲಿ. ಎರಡನೆಯ ವರ್ಷದಿಂದಲೇ ಕೋರ್ಸನ್ನು ಅಲ್ಲಿಯವರು ನಡೆಸಿ ನಿಮ್ಮವರು ಹಿಂದಿನ ಬೆಂಚಿನಲ್ಲಿ ಕೂರುವ ವ್ಯವಸ್ಥೆ ಮಾಡಿ. ನಿಮ್ಮ ಪಠ್ಯಕ್ರಮ ಬೇಡವೆನ್ನುವ ಅಧಿಕಾರ ಅವರ ಪ್ರಾಂಶುಪಾಲರಿಗೆ ಲಿಖಿತವಾಗಿ ಇರಲಿ. ಆ ಅಧಿಕಾರವನ್ನು ಅವರು ಒಮ್ಮೆಯಾದರೂ ಬಳಸಿದರೆ ಬೇಸರಪಡಬೇಡಿ, ಒಪ್ಪಂದ ಸರಿಯಾಗಿ ನಡೆಯುತ್ತಿದೆ ಎಂದುಕೊಳ್ಳಿ.

ಮೂರು ವರ್ಷ ಸಾಕೇ ಎಂದೂ ಕೇಳಿದ್ದೀರಿ. ಇಡೀ ಸಂಸ್ಥೆಗೆ ಸಾಲದು. ಐಐಟಿ ಕಾನ್ಪುರಕ್ಕೆ ಒಂಬತ್ತು ಅಮೆರಿಕನ್ ವಿಶ್ವವಿದ್ಯಾಲಯಗಳು ಒಟ್ಟಾಗಿ ನೆರವಾದ ಕಾರ್ಯಕ್ರಮವೇ 1962ರಿಂದ 1972ರವರೆಗೆ ನಡೆಯಿತು, ಅದರ ಹಿಂದೆ ಭಾರತ ಸರ್ಕಾರದ ಪೂರ್ಣ ಬೆಂಬಲವೂ ಇತ್ತು. ದಾನಿಗಳು ಅವಧಿ ಹೆಚ್ಚಿಸಲು ಒಪ್ಪದಿದ್ದರೆ ಕೆಲಸದ ವ್ಯಾಪ್ತಿಯನ್ನು ಇಳಿಸಿ: ಆರು ಕೋರ್ಸುಗಳ ಬದಲು ಒಂದು ಕೋರ್ಸು, ಅದಕ್ಕೆ ಬೇಕಾದ ಮೂವರು ಕಾಯಂ ಬೋಧಕರು, ಒಂದು ಪ್ರಯೋಗಾಲಯ, ಅದರ ನಿರ್ವಹಣೆಗೆ ಒಂದು ಲೆಕ್ಕಶೀರ್ಷಿಕೆ. ಅದಕ್ಕೂ ಅಲ್ಲಿನ ಸಚಿವಾಲಯ ಒಪ್ಪದಿದ್ದರೆ ಸಹಿ ಹಾಕಬೇಡಿ.