40 ಲಕ್ಷದ ಗೃಹಸಾಲ ಕೊನೆಗೆ ಎಷ್ಟಕ್ಕೆ ಬೀಳುತ್ತದೆ? ಅವಧಿ 20 ವರ್ಷವೋ 30 ವರ್ಷವೋ?

ನೀವು ಕೇಳಿದ್ದು ಇಷ್ಟು: ಕೊಡಗಿನ ಗೋಣಿಕೊಪ್ಪದ ಹತ್ತಿರ ಮನೆ ಕಟ್ಟಲು 40 ಲಕ್ಷ ಸಾಲ, ಫ್ಲೋಟಿಂಗ್ (ಕಾಲಕಾಲಕ್ಕೆ ಬದಲಾಗುವ) ಬಡ್ಡಿ ಶೇ. 8.5. 20 ವರ್ಷಕ್ಕಾದರೆ ಕಂತು 34,713 ರೂಪಾಯಿ, 30 ವರ್ಷಕ್ಕಾದರೆ 30,757. ಪತ್ನಿಗೆ ತಿಂಗಳ ಸಂಬಳ, ನಿಮಗೆ ಕಾಫಿ ತೋಟದ ವರ್ಷದ ಆದಾಯ. ಕಂತು ಕಡಿಮೆ ಇರುವುದನ್ನೇ ತೆಗೆದುಕೊಂಡರೆ ಏನು ತಪ್ಪು, ಕೊನೆಗೆ ಒಟ್ಟು ಎಷ್ಟು ಕಟ್ಟಿರುತ್ತೇವೆ?

20 ವರ್ಷಕ್ಕೆ ತೆಗೆದುಕೊಳ್ಳಿ. ಕಂತು ಪತ್ನಿಯ ಸಂಬಳವೊಂದರಲ್ಲೇ ತೀರುವುದಿಲ್ಲ ಎಂದಾದರೆ 25ಕ್ಕೆ ಹೋಗಿ, 30 ಬೇಡ. 20 ವರ್ಷಕ್ಕೆ ನೀವು ಕಟ್ಟುವುದು ಒಟ್ಟು 83.31 ಲಕ್ಷ, ಅದರಲ್ಲಿ ಬಡ್ಡಿ 43.31 ಲಕ್ಷ. 30 ವರ್ಷಕ್ಕಾದರೆ ಒಟ್ಟು 1 ಕೋಟಿ 10.73 ಲಕ್ಷ, ಬಡ್ಡಿಯೇ 70.73 ಲಕ್ಷ. ತಿಂಗಳಿಗೆ 3,956 ರೂಪಾಯಿ ಉಳಿಸಲು ಹೋಗಿ 27.41 ಲಕ್ಷ ಹೆಚ್ಚು ತೆರುವ ಲೆಕ್ಕ ಅದು. 25 ವರ್ಷಕ್ಕೆ ಕಂತು 32,209, ಬಡ್ಡಿ ಸುಮಾರು 56.6 ಲಕ್ಷ.

ಹೀಗೇಕೆ ಆಗುತ್ತದೆ ಎಂದು ಮೊದಲ ಕಂತನ್ನೇ ಬಿಡಿಸಿ ನೋಡಿ. 40 ಲಕ್ಷಕ್ಕೆ ಒಂದು ತಿಂಗಳ ಬಡ್ಡಿ 28,333 ರೂಪಾಯಿ. ನೀವು ಕಟ್ಟಿದ 34,713ರಲ್ಲಿ ಅಸಲಿಗೆ ಹೋಗುವುದು ಬರೀ 6,380. ಐದು ವರ್ಷ ಒಂದು ಕಂತೂ ತಪ್ಪದೆ ಕಟ್ಟಿದ ಮೇಲೆ ನಿಮ್ಮ ಕೈಯಿಂದ 20.83 ಲಕ್ಷ ಹೋಗಿರುತ್ತದೆ, ಸಾಲ ಇನ್ನೂ 35.25 ಲಕ್ಷ ಬಾಕಿ ಇರುತ್ತದೆ. ಅರ್ಧ ಅವಧಿ, ಅಂದರೆ ಹತ್ತು ವರ್ಷ ಕಳೆದಾಗಲೂ 28 ಲಕ್ಷ ಬಾಕಿ. ಇದರಲ್ಲಿ ಬ್ಯಾಂಕಿನ ಮೋಸವೇನೂ ಇಲ್ಲ. ಬಡ್ಡಿ ಬೀಳುವುದು ಬಾಕಿ ಅಸಲಿನ ಮೇಲೆ, ಮೊದಲ ವರ್ಷಗಳಲ್ಲಿ ಅಸಲು ಕರಗುವುದೇ ಇಲ್ಲ. ಆದ್ದರಿಂದ ಶೇಕಡಾ ಎಷ್ಟು ಎಂದು ಚೌಕಾಸಿ ಮಾಡುವಷ್ಟೇ ಗಮನ ಇನ್ನು ಎಷ್ಟು ತಿಂಗಳು ಉಳಿದಿದೆ ಎನ್ನುವುದರ ಮೇಲೂ ಇರಬೇಕು.

ದರ ಏರಿದಾಗ ಈ ತಿಂಗಳ ಲೆಕ್ಕವೇ ಕೈಜಾರುವುದು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ ಗೃಹಸಾಲಗಳು ಹೊರಗಿನ ಒಂದು ಮಾನದಂಡಕ್ಕೆ, ಸಾಮಾನ್ಯವಾಗಿ ರೆಪೋ ದರಕ್ಕೆ (ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ), ಕಟ್ಟಿಕೊಂಡಿವೆ. ಮೂರು ತಿಂಗಳಿಗೊಮ್ಮೆಯಾದರೂ ಅವುಗಳ ದರವನ್ನು ಆ ಮಾನದಂಡಕ್ಕೆ ಸರಿಹೊಂದಿಸಲೇಬೇಕು. 2022ರ ಮೇಯಿಂದ 2023ರ ಫೆಬ್ರವರಿ ಒಳಗೆ ರೆಪೋ ಶೇ. 4ರಿಂದ 6.5ಕ್ಕೆ ಏರಿತು. ಆಗ ಬಹಳಷ್ಟು ಸಾಲಗಾರರ ಕಂತು ಹಾಗೇ ಇತ್ತು, ಅವಧಿ ಮಾತ್ರ ಬೆಳೆಯಿತು. ಖಾತೆಯಿಂದ ಅದೇ ಮೊತ್ತ ಕಟ್ ಆಗುತ್ತಿದ್ದರೆ ಯಾರ ಗಮನಕ್ಕೂ ಬರುವುದಿಲ್ಲ.

ನಿಮ್ಮ ಸಾಲಕ್ಕೇ ಹಾಕಿ ನೋಡೋಣ. ಶುರುವಿನಲ್ಲೇ ದರ 8.5ರಿಂದ 9.5 ಆಯಿತು ಎಂದಿಟ್ಟುಕೊಳ್ಳಿ. ಕಂತು 34,713ರಲ್ಲೇ ಬಿಟ್ಟರೆ 240 ತಿಂಗಳ ಸಾಲ 309 ತಿಂಗಳಾಗುತ್ತದೆ, ಮೇಲೆ ತೆರುವುದು ಸುಮಾರು 23.8 ಲಕ್ಷ. ಅದೇ ಅವಧಿಯನ್ನು 240ರಲ್ಲೇ ಹಿಡಿದು ಕಂತನ್ನು 37,285ಕ್ಕೆ ಏರಿಸಿಕೊಂಡರೆ ಮೇಲೆ ತೆರುವುದು 6.17 ಲಕ್ಷ. ಒಂದೇ ದರ ಏರಿಕೆ, ಎರಡು ದಾರಿ, ನಡುವಿನ ಅಂತರ ಹದಿನೇಳೂವರೆ ಲಕ್ಷಕ್ಕಿಂತ ಹೆಚ್ಚು. ರಿಸರ್ವ್ ಬ್ಯಾಂಕ್ 2023ರ ಆಗಸ್ಟ್‌ನಲ್ಲಿ ಹೊರಡಿಸಿದ ಸುತ್ತೋಲೆಯ ಪ್ರಕಾರ, ದರ ಬದಲಾದಾಗ ಕಂತು ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂದು ಆರಿಸುವ ಹಕ್ಕು ಸಾಲಗಾರನದು. ಮೂರು ತಿಂಗಳಿಗೊಮ್ಮೆ ಲೆಕ್ಕಪತ್ರವನ್ನೂ ಕೊಡಬೇಕು: ಇಲ್ಲಿವರೆಗೆ ಅಸಲಿಗೆ ಎಷ್ಟು, ಬಡ್ಡಿಗೆ ಎಷ್ಟು, ಕಂತು ಎಷ್ಟು, ಉಳಿದ ಕಂತುಗಳೆಷ್ಟು. ಈ ಕೊನೆಯ ಅಂಕಿಯನ್ನು ಪ್ರತಿ ಸಲ ಹಿಂದಿನ ಪತ್ರದ ಜೊತೆ ಇಟ್ಟು ನೋಡಿ. ಮೂರು ತಿಂಗಳಲ್ಲಿ ಮೂರು ಕಂತು ಇಳಿದಿರಬೇಕು. ಇಳಿಯದೆ ಏರಿದ್ದರೆ ಅವತ್ತೇ ಶಾಖೆಗೆ ಹೋಗಿ, ಅವಧಿ ಮೊದಲಿನಷ್ಟೇ ಇರಲಿ, ಕಂತು ಏರಿಸಿ ಎಂದು ಅರ್ಜಿ ಬರೆದುಕೊಟ್ಟು ಸ್ವೀಕೃತಿ ಸಹಿ ಹಾಕಿಸಿಕೊಳ್ಳಿ.

ಹೌಸಿಂಗ್ ಫೈನಾನ್ಸ್ ಕಂಪನಿಯಿಂದ ಸಾಲ ತೆಗೆಯುವುದಾದರೆ ಇನ್ನೊಂದು ವಿಷಯ ತಿಳಿದಿರಲಿ. ರೆಪೋಗೆ ಕಟ್ಟಿಕೊಳ್ಳಬೇಕೆಂಬ ನಿಯಮ ಅವುಗಳಿಗಿಲ್ಲ, ತಮ್ಮದೇ ಮೂಲ ದರ ಇಟ್ಟುಕೊಂಡಿರುತ್ತವೆ. ದರ ಇಳಿಯುವ ಕಾಲದಲ್ಲಿ ಹೊಸ ಗಿರಾಕಿಗೆ ಇಳಿಸಿ, ಹಳಬರನ್ನು ಹಳೆಯ ದರದಲ್ಲೇ ಬಿಡುವುದುಂಟು. ವರ್ಷಕ್ಕೊಮ್ಮೆ, ಹೊಸಬರಿಗೆ ಇವತ್ತು ಎಷ್ಟಕ್ಕೆ ಕೊಡುತ್ತಿದ್ದೀರಿ ಎಂದು ಕೇಳಿ. 35 ಲಕ್ಷ ಬಾಕಿ, 15 ವರ್ಷ ಉಳಿದಿರುವಾಗ 8.5ರಿಂದ 8ಕ್ಕೆ ಇಳಿದರೆ ತಿಂಗಳಿಗೆ ಸಾವಿರ ರೂಪಾಯಿ ಚಿಲ್ಲರೆ, ಒಟ್ಟು 1.83 ಲಕ್ಷ ಉಳಿಯುತ್ತದೆ. ದರ ಬದಲಿಸಲು ಕೇಳುವ ಶುಲ್ಕವನ್ನು ಅದರೆದುರು ಇಟ್ಟು ತೂಗಿ.

ಇನ್ನು ಮನೆ ಕಟ್ಟುವ ಕಾಲ. ನಮ್ಮ ಜಿಲ್ಲೆಯಲ್ಲಿ ದುಡ್ಡು ಸೋರಿ ಹೋಗುವುದು ಇಲ್ಲೇ ಹೆಚ್ಚು. ಸಾಲದ ಹಣ ತಳಪಾಯ, ಲಿಂಟಲ್, ಆರ್‌ಸಿಸಿ, ಪ್ಲಾಸ್ಟರಿಂಗ್ ಎಂದು ಹಂತ ಹಂತವಾಗಿ ಬರುತ್ತದೆ. ಪೂರ್ತಿ ಬರುವವರೆಗೆ ಬಿಡುಗಡೆಯಾದ ಹಣಕ್ಕೆ ಬಡ್ಡಿ ಮಾತ್ರ ಕಟ್ಟುತ್ತೀರಿ, ಪ್ರೀ-ಇಎಂಐ ಎನ್ನುವುದು ಇದನ್ನೇ. ಅದರಲ್ಲಿ ಒಂದು ರೂಪಾಯಿಯೂ ಅಸಲಿಗೆ ಹೋಗುವುದಿಲ್ಲ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಇಲ್ಲಿ ಹೊರಗಿನ ಕೆಲಸ ನಡೆಯುವುದಿಲ್ಲ, ಬಡ್ಡಿ ನಿಲ್ಲುವುದಿಲ್ಲ. 20 ಲಕ್ಷ ಬಿಡುಗಡೆ ಮಾಡಿಸಿಕೊಂಡು ಸೂರಿಲ್ಲದ ಗೋಡೆ ಮಳೆಗೆ ನೆನೆಯುತ್ತ ನಿಂತರೆ ತಿಂಗಳಿಗೆ 14,167ರಂತೆ ನಾಲ್ಕು ತಿಂಗಳಿಗೆ 56,668 ರೂಪಾಯಿ ಹೋಯಿತು, ಬಾಡಿಗೆ ಮನೆಯಲ್ಲಿದ್ದರೆ ಆ ಬಾಡಿಗೆ ಬೇರೆ. ಆದ್ದರಿಂದ ಮಳೆ ಹಿಂದೆ ಸರಿದ ಮೇಲೆ ತಳಪಾಯ ಹಾಕಿ, ಮೊದಲು ನಿಮ್ಮ ಪಾಲಿನ ಹಣ ಖರ್ಚು ಮಾಡಿ, ಆಮೇಲೆ ಬ್ಯಾಂಕಿನದನ್ನು ಕೇಳಿ. ಮೇ ಮುಗಿಯುವಷ್ಟರಲ್ಲಿ ಸೂರು ಬೀಳುವಂತೆ ಮೇಸ್ತ್ರಿಯ ಹತ್ತಿರ ತಾರೀಖು ಮಾತಾಡಿಕೊಳ್ಳಿ. ಕಾಫಿ ಕೊಯ್ಲಿನ ತಿಂಗಳುಗಳಲ್ಲಿ ಕೆಲಸದವರು ಸಿಗುವುದು ಕಷ್ಟ, ಅದನ್ನೂ ಲೆಕ್ಕದಲ್ಲಿಡಿ. ಬಡ್ಡಿ ಶುರುವಾಗುವುದು ಹಣ ನಿಜವಾಗಿ ಕೈಸೇರಿದ ದಿನದಿಂದ ಮಾತ್ರ. ಮಂಜೂರಾದ ದಿನದಿಂದಲೋ ಚೆಕ್ ಬರೆದಿಟ್ಟ ದಿನದಿಂದಲೋ ಹಾಕುವಂತಿಲ್ಲ ಎಂದು ರಿಸರ್ವ್ ಬ್ಯಾಂಕ್ 2024ರ ಏಪ್ರಿಲ್‌ನಲ್ಲಿ ಸ್ಪಷ್ಟವಾಗಿ ಹೇಳಿದೆ. ಮೊದಲ ತಿಂಗಳ ಸ್ಟೇಟ್‌ಮೆಂಟ್‌ನಲ್ಲಿ ಆ ತಾರೀಖು ನೋಡಿಕೊಳ್ಳಿ.

ಜಾಗ ಜಮ್ಮಾ ಬಾಣೆಯಾಗಿದ್ದು (ಕೊಡಗಿನಲ್ಲಿ ವಂಶಪಾರಂಪರ್ಯವಾಗಿ ಬಂದ ಹಿಡುವಳಿ) ಪಹಣಿಯಲ್ಲಿ ಕುಟುಂಬದ ಹಲವರ ಹೆಸರಿದ್ದರೆ, ಅಥವಾ ಕೃಷಿ ಜಮೀನು ಮನೆ ಕಟ್ಟಲು ಕನ್ವರ್ಷನ್ ಆಗಿರದಿದ್ದರೆ, ಬ್ಯಾಂಕಿನ ವಕೀಲರು ಅಲ್ಲೇ ತಡೆಯುತ್ತಾರೆ. ಪ್ರೊಸೆಸಿಂಗ್ ಶುಲ್ಕ ಕಟ್ಟುವ ಮೊದಲೇ ಕಾಗದಪತ್ರ ತೋರಿಸಿ ಅಭಿಪ್ರಾಯ ಕೇಳಿ, ಸಾಲ ಸಿಗದಿದ್ದರೂ ಆ ಶುಲ್ಕ ವಾಪಸ್ ಬರುವುದು ಕಷ್ಟ. ಶುಲ್ಕ ಅರ್ಧ ಶೇಕಡಾ ಎಂದಾದರೂ 40 ಲಕ್ಷಕ್ಕೆ 20,000, ಶೇ. 18 ಜಿಎಸ್‌ಟಿ ಸೇರಿ 23,600. ವಕೀಲರ ಶುಲ್ಕ, ಎಂಜಿನಿಯರ್ ಬಂದು ನೋಡುವ ಶುಲ್ಕ, ಹಕ್ಕುಪತ್ರ ಅಡವಿಡುವ ಕರಾರಿನ ಸ್ಟ್ಯಾಂಪ್ ಬೇರೆ. ಸೈಟನ್ನೂ ಕೊಳ್ಳುವುದಿದ್ದರೆ ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ. 1ರ ಬದಲು 2 ಆಗಿದೆ. ಗ್ರಾಮಾಂತರದಲ್ಲಿ ಈ ನೋಂದಣಿ ಶುಲ್ಕ, ಶೇ. 5ರ ಸ್ಟ್ಯಾಂಪ್ ಡ್ಯೂಟಿ, ಅದರ ಮೇಲಿನ ಸೆಸ್, ಸರ್ಚಾರ್ಜ್ ಎಲ್ಲ ಸೇರಿ ಶೇ. 7.65 ಆಗುತ್ತದೆ, 15 ಲಕ್ಷದ ಸೈಟಿಗೆ 1,14,750 ರೂಪಾಯಿ. ಇದಕ್ಕೆ ಸಾಲ ಸಿಗುತ್ತದೆಂದು ನಂಬಿ ಕೂರಬೇಡಿ, ಕೈಯಿಂದಲೇ ಹಾಕಬೇಕಾಗುತ್ತದೆ.

2024ರ ಅಕ್ಟೋಬರ್ 1ರಿಂದ ಪ್ರತಿ ಹೊಸ ಗೃಹಸಾಲಕ್ಕೂ ಮುಖ್ಯಾಂಶಗಳ ಪತ್ರ ಕೊಡುವುದು ಕಡ್ಡಾಯ. ಕೆಎಫ್‌ಎಸ್ ಎಂದು ಕೇಳಿದರೆ ಶಾಖೆಯವರಿಗೆ ಗೊತ್ತಾಗುತ್ತದೆ. ಅದರಲ್ಲಿ ಎಪಿಆರ್ ಎಂಬ ಅಂಕಿ ಇರುತ್ತದೆ, ಶುಲ್ಕಗಳನ್ನೆಲ್ಲ ಸೇರಿಸಿದ ವರ್ಷದ ದರ ಅದು. ಎರಡು ಬ್ಯಾಂಕುಗಳನ್ನು ಹೋಲಿಸುವಾಗ ಜಾಹೀರಾತಿನ ದರ ಬಿಟ್ಟು ಇದನ್ನು ನೋಡಿ.

ಆ ಪತ್ರದಲ್ಲಿ ವಿಮೆ ಎಂಬ ಸಾಲು ಕಂಡರೆ ನಿಲ್ಲಿ. ಸಾಲದ ಜೊತೆ ಒಂದೇ ಕಂತಿನ ಜೀವವಿಮೆ ಮಾಡಿಸಿ, ಪ್ರೀಮಿಯಂ ಅನ್ನು ಸಾಲಕ್ಕೇ ಸೇರಿಸುವುದು ತುಂಬ ಸಾಮಾನ್ಯ. 1.2 ಲಕ್ಷದ ಪ್ರೀಮಿಯಂ ಸಾಲಕ್ಕೆ ಸೇರಿದರೆ 20 ವರ್ಷದಲ್ಲಿ ಅದು 2.5 ಲಕ್ಷವಾಗುತ್ತದೆ. ಅವರು ಹೇಳಿದ ಕಂಪನಿಯಲ್ಲೇ ಮಾಡಿಸಬೇಕೆಂಬ ಕಾನೂನು ಇಲ್ಲ. ಜೀವವಿಮೆ ಬೇಕೇ ಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಸಾಲದ ಮೊತ್ತಕ್ಕೆ ಸರಿಯಾದ ಟರ್ಮ್ ಪಾಲಿಸಿಯನ್ನು (ಅವಧಿಯೊಳಗೆ ಸತ್ತರೆ ಮಾತ್ರ ಹಣ ಬರುವ ವಿಮೆ) ಬೇರೆಯಾಗಿ ಮಾಡಿಸಿ, ವರ್ಷ ವರ್ಷ ಕಟ್ಟಿ. ಇನ್ನು ಕಟ್ಟಡದ ವಿಮೆ. 2018ರ ಆಗಸ್ಟ್‌ನಲ್ಲಿ ಮಕ್ಕಂದೂರು, ಜೋಡುಪಾಲದ ಕಡೆ ಬರೆ (ಗುಡ್ಡದ ಕಡಿದಾದ ಇಳಿಜಾರು) ಕುಸಿದು ಮನೆಗಳೇ ಹೋದುವು. ಮನೆ ಹೋದರೂ ಸಾಲ ಹೋಗುವುದಿಲ್ಲ, ಕಂತು ಕಟ್ಟಲೇಬೇಕು. ‘ಭಾರತ್ ಗೃಹ ರಕ್ಷಾ’ ಎಂಬ ಪಾಲಿಸಿಯಲ್ಲಿ ಬೆಂಕಿ, ಪ್ರವಾಹ, ಭೂಕುಸಿತ ಮೂರೂ ಸೇರಿವೆ. 2021ರ ಏಪ್ರಿಲ್‌ನಿಂದ ಸಾಮಾನ್ಯ ವಿಮಾ ಕಂಪನಿಗಳಲ್ಲಿ ಸಿಗುತ್ತದೆ. ಕಟ್ಟಡದ ದೋಷದಿಂದಾದ ಹಾನಿಗೆ ಮಾತ್ರ ಪರಿಹಾರ ಬರುವುದಿಲ್ಲ. ಹಾಗಾಗಿ ಬರೆ ಕಡಿದು ಮನೆ ಕಟ್ಟುವವರು ತಡೆಗೋಡೆಯ ಖರ್ಚನ್ನೂ ಅದರ ಹಿಂದೆ ನೀರು ಹರಿದು ಹೋಗುವ ಚರಂಡಿಯನ್ನೂ ಮೊದಲ ಅಂದಾಜಿನಲ್ಲೇ ಸೇರಿಸಬೇಕು. ಮನೆ ಎದ್ದ ಮೇಲೆ ತಡೆಗೋಡೆಗೆಂದು ಮತ್ತೆ ಹೆಚ್ಚಿನ ಬಡ್ಡಿಯ ಪರ್ಸನಲ್ ಲೋನ್ ತೆಗೆಯುವಂತೆ ಆಗಬಾರದು.

ತೆರಿಗೆ ಉಳಿಯುತ್ತದೆ ಎಂಬ ಮಾತನ್ನು ನಿಮ್ಮ ವಿಷಯದಲ್ಲಿ ಹೆಚ್ಚು ನಂಬಬೇಡಿ. ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗಿನ ವಿನಾಯಿತಿ ಇರುವುದು ಹಳೆಯ ತೆರಿಗೆ ಪದ್ಧತಿಯಲ್ಲಿ, ಹೊಸ ಪದ್ಧತಿಯಲ್ಲಿ ಇಲ್ಲ. ನಿಮ್ಮ ಮೊದಲ ವರ್ಷದ ಬಡ್ಡಿಯೇ 3.37 ಲಕ್ಷ. ಬೆಳೆದ ಕಾಫಿಯನ್ನು ಸಂಸ್ಕರಿಸದೆ ಹಾಗೇ ಮಾರುವವರ ಆದಾಯ ಕೃಷಿ ಆದಾಯ, ಅದಕ್ಕೆ ಆದಾಯ ತೆರಿಗೆಯೇ ಇಲ್ಲದಿರುವಾಗ ವಿನಾಯಿತಿಯ ಪ್ರಶ್ನೆಯೂ ಇಲ್ಲ. ಸಿಗುವುದಾದರೆ ಪತ್ನಿಗೆ ಮಾತ್ರ. ಅದಕ್ಕೆ ಅವರು ಸಾಲದಲ್ಲೂ ಮನೆಯ ಹಕ್ಕಿನಲ್ಲೂ ಪಾಲುದಾರರಾಗಿರಬೇಕು.

ನಿಮ್ಮ ಕೈಯಲ್ಲಿರುವ ದೊಡ್ಡ ಅಸ್ತ್ರ ಕಾಫಿ ದುಡ್ಡು. ಕಂತು ಸಂಬಳದಿಂದ ಹೋಗಲಿ, ಕಾಫಿ ಮಾರಿದ ಮೇಲೆ ವರ್ಷಕ್ಕೊಮ್ಮೆ ಒಂದು ಲಕ್ಷವನ್ನು ನೇರ ಅಸಲಿಗೆ ಕಟ್ಟಿ. ಇಷ್ಟೇ ಮಾಡಿದರೂ 20 ವರ್ಷದ ಸಾಲ 13 ವರ್ಷಕ್ಕೆ ಮುಗಿಯುತ್ತದೆ, ಬಡ್ಡಿ 43.31 ಲಕ್ಷದಿಂದ ಸುಮಾರು 26.4 ಲಕ್ಷಕ್ಕೆ ಇಳಿಯುತ್ತದೆ. ಒಳ್ಳೆಯ ಬೆಲೆ ಬಂದ ವರ್ಷ ಎರಡು ಲಕ್ಷ, ಬೆಲೆ ಬಿದ್ದ ವರ್ಷ ಏನೂ ಇಲ್ಲ, ಹಾಗೂ ಆಗಲಿ. ಆದರೆ ಮೊದಲ ವರ್ಷಗಳನ್ನು ತಪ್ಪಿಸಬೇಡಿ. ಒಂದನೇ ವರ್ಷದ ಕೊನೆಗೆ ಕಟ್ಟಿದ ಒಂದು ಲಕ್ಷ ಕೊನೆಯ ಸುಮಾರು 14 ಕಂತುಗಳನ್ನು ಅಳಿಸಿ 3.78 ಲಕ್ಷ ಬಡ್ಡಿ ಉಳಿಸುತ್ತದೆ. ಅದೇ ಒಂದು ಲಕ್ಷವನ್ನು ಹದಿನೈದನೇ ವರ್ಷದ ಕೊನೆಗೆ ಕಟ್ಟಿದರೆ ಉಳಿಯುವುದು 51 ಸಾವಿರ.

ವ್ಯಕ್ತಿಗಳ ಹೆಸರಿನ ಫ್ಲೋಟಿಂಗ್ ಗೃಹಸಾಲಕ್ಕೆ ಹೀಗೆ ಮುಂಚಿತವಾಗಿ ಕಟ್ಟಿದರೆ ದಂಡ ಹಾಕುವಂತಿಲ್ಲ. ಕಟ್ಟುವಾಗ ಮಾತ್ರ ಒಂದು ಸಾಲು ಬರೆದುಕೊಡಿ: ಈ ಮೊತ್ತವನ್ನು ಅಸಲಿಗೆ ಜಮಾ ಮಾಡಿ, ಕಂತು ಹಾಗೇ ಇರಲಿ, ಅವಧಿ ಕಡಿಮೆ ಮಾಡಿ. ಹೇಳದಿದ್ದರೆ ಕಂತನ್ನು ಇಳಿಸಿ ಅವಧಿಯನ್ನು ಅಷ್ಟೇ ಉಳಿಸುವ ಸಂಭವ ಇದೆ, ಉಳಿತಾಯದ ದೊಡ್ಡ ಭಾಗ ಅಲ್ಲೇ ಹೋಗುತ್ತದೆ. ಇನ್ನು ಕೆಲವು ಸಲ ಹಣ ಮುಂದಿನ ಕಂತುಗಳಿಗೆ ಮುಂಗಡವಾಗಿ ಕೂರುತ್ತದೆ, ಅಸಲು ಇಳಿದಿರುವುದಿಲ್ಲ. ವಾರದೊಳಗೆ ಹೊಸ ಕಂತುಪಟ್ಟಿ ತೆಗೆಸಿ ನೋಡಿ.

ತೋಟಕ್ಕೆ ಗೊಬ್ಬರ, ಕೂಲಿ, ಕಾಫಿ ಹೂವರಳಿಸುವ ಹೂಮಳೆ ಕೈಕೊಟ್ಟರೆ ಸ್ಪ್ರಿಂಕ್ಲರ್‌ಗೆ ಡೀಸೆಲ್ ಎಂದು ಹಣ ಕೈಯಲ್ಲಿರಲೇಬೇಕಲ್ಲ, ಎಲ್ಲವನ್ನೂ ಸಾಲಕ್ಕೆ ಹೇಗೆ ಸುರಿಯುವುದು ಎಂದರೆ, ಓವರ್‌ಡ್ರಾಫ್ಟ್ ಜೋಡಿಸಿದ ಗೃಹಸಾಲ ಕೇಳಿ. ದರ ಸ್ವಲ್ಪ ಹೆಚ್ಚಿರುತ್ತದೆ. ಆದರೆ ಖಾತೆಯಲ್ಲಿಟ್ಟ ಹಣದಷ್ಟು ಸಾಲಕ್ಕೆ ಬಡ್ಡಿ ಬೀಳುವುದಿಲ್ಲ, ಬೇಕಾದಾಗ ತೆಗೆಯಬಹುದು. ಐದು ಲಕ್ಷ ನಾಲ್ಕು ತಿಂಗಳು ಅಲ್ಲಿ ಕೂತರೆ 14,167 ರೂಪಾಯಿ ಬಡ್ಡಿ ಉಳಿಯಿತು. ವರ್ಷಕ್ಕೊಮ್ಮೆ ದೊಡ್ಡ ಮೊತ್ತ ಬಂದು ನಿಧಾನಕ್ಕೆ ಖರ್ಚಾಗುವ ನಮ್ಮ ಬೆಳೆಗಾರರಿಗೆ ಇದು ಚೆನ್ನಾಗಿ ಹೊಂದುತ್ತದೆ. ಒಂದು ಎಚ್ಚರಿಕೆ: ಗೃಹಸಾಲ ಬೇಗ ತೀರಿಸುವ ಆತುರದಲ್ಲಿ ಸಹಕಾರ ಸಂಘದ ಬೆಳೆಸಾಲದ ಗಡುವು ಮೀರಿಸಬೇಡಿ. ಬಡ್ಡಿ ಇಲ್ಲದೆ ಸಿಕ್ಕ ಸಾಲ ಗಡುವು ದಾಟಿದರೆ ಆ ರಿಯಾಯಿತಿ ಹೋಗುತ್ತದೆ. ಚಿನ್ನದ ಮೇಲಿನ ಸಾಲ ಗೃಹಸಾಲಕ್ಕಿಂತ ಹೆಚ್ಚಿನ ದರದಲ್ಲಿದ್ದರೆ ಅದನ್ನೇ ಮೊದಲು ಬಿಡಿಸಿಕೊಳ್ಳಿ.

ಸಾಲ ತೀರಿದ ಮೇಲೆ 30 ದಿನದೊಳಗೆ ಮೂಲ ದಾಖಲೆಗಳನ್ನು ವಾಪಸ್ ಕೊಟ್ಟು ಅಡಮಾನವನ್ನು ತೆಗೆಸುವುದು ಸಾಲ ಕೊಟ್ಟವರ ಹೊಣೆ. ಅವರ ಕಾರಣದಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ನಿಮಗೆ ಕೊಡಬೇಕು, 2023ರ ಡಿಸೆಂಬರ್ 1ರಿಂದ ಈ ನಿಯಮ ಇದೆ. ಸಾಲ ತೆಗೆಯುವ ದಿನವೇ ನೀವು ಕೊಟ್ಟ ಮೂಲ ಪತ್ರಗಳ ಪಟ್ಟಿಗೆ ಶಾಖೆಯ ಮೊಹರು ಹಾಕಿಸಿ ಮನೆಯಲ್ಲಿಟ್ಟುಕೊಳ್ಳಿ. ತೀರಿದ ಮೇಲೆ ಉಪನೋಂದಣಿ ಕಚೇರಿಯಿಂದ ಇ.ಸಿ. (ಆಸ್ತಿಯ ಋಣಭಾರ ಪತ್ರ) ತೆಗೆಸಿ, ಅಡಮಾನ ರದ್ದಾದದ್ದು ಅದರಲ್ಲಿ ಬಂದಿದೆಯೇ ಎಂದು ನೋಡಿ.