ನಕ್ಷೆಯ ಮೇಲೆ ಗೆರೆ ಎಳೆದವರು ಯಾರು?

ಅಮೆರಿಕದ ರಸ್ತೆ, ಕಾಲುವೆ, ಕರೆಂಟಿನ ಬಗ್ಗೆ ಏನು ಬೇಕಾದರೂ ಕೇಳಿ ಎಂದು ಹಿಂದಿನ ಸಂಚಿಕೆಯಲ್ಲಿ ಬರೆದಿದ್ದೆ. ಬಹಳ ಪತ್ರಗಳು ಬಂದವು. ಹೊಸ ಓದುಗರಿಗಾಗಿ ನನ್ನ ಪರಿಚಯ: ನಾನು ಮಿನೆಸೋಟ ರಾಜ್ಯದ ಸೇಂಟ್ ಪಾಲ್‌ನಲ್ಲಿ ನೆಲೆಸಿರುವ ನಿವೃತ್ತ ಸಿವಿಲ್ ಎಂಜಿನಿಯರ್. ಸೇತುವೆಗಳ ತಪಾಸಣೆ ನನ್ನ ಕೆಲಸವಾಗಿತ್ತು. ಹೆಚ್ಚು ಜನ ಕೇಳಿದ ಪ್ರಶ್ನೆಗಳಿಗೆ ಇಲ್ಲಿ ಉತ್ತರ ಬರೆದಿದ್ದೇನೆ.

ಪ್ರಶ್ನೆ: ಅಮೆರಿಕ ಶ್ರೀಮಂತ ದೇಶವಾದ ಮೇಲೆ ಇದನ್ನೆಲ್ಲ ಕಟ್ಟಿತೋ, ಇದನ್ನೆಲ್ಲ ಕಟ್ಟಿದ್ದರಿಂದ ಶ್ರೀಮಂತವಾಯಿತೋ?
*ಕಾಲೇಜು ಉಪನ್ಯಾಸಕರೊಬ್ಬರು*

ಎರಡೂ ಉಂಟು. ಆದರೆ ಕೈಯಲ್ಲಿ ದುಡ್ಡಿಲ್ಲದೆ, ಕೆಲಸ ಗೊತ್ತಿರುವ ಜನರೂ ಇಲ್ಲದೆ ಶುರು ಮಾಡಿದ ಒಂದು ಕಾಮಗಾರಿ ಇದೆ. ಅದು ಈರಿ ಕಾಲುವೆ. ಹಡ್ಸನ್ ನದಿ ದಡದ ಆಲ್ಬನಿಯಿಂದ ಈರಿ ಸರೋವರದ ಬಫಲೋವರೆಗೆ 363 ಮೈಲಿ. ಕೇಂದ್ರ ಸರ್ಕಾರದಿಂದ ಹಣ ಸಿಗಬಹುದು ಎಂಬ ಆಸೆಯಿತ್ತು. ಅಂಥ ಕೆಲಸಗಳಿಗೆ ಹಣ ಕೊಡುವ ಮಸೂದೆಯನ್ನು 1817ರಲ್ಲಿ ಅಧ್ಯಕ್ಷ ಮ್ಯಾಡಿಸನ್ ತಿರಸ್ಕರಿಸಿದರು. ಆಗ ನ್ಯೂಯಾರ್ಕ್ ರಾಜ್ಯವೇ ಸಾಲ ಎತ್ತಿ ಅಗೆಯಲು ಹೊರಟಿತು. ಗವರ್ನರ್ ಡಿವಿಟ್ ಕ್ಲಿಂಟನ್ ಅವರ ಹಳ್ಳ ಎಂದು ಜನ ಆಡಿಕೊಂಡರು.

ನನಗೆ ಇದರಲ್ಲಿ ಬಹಳ ಇಷ್ಟವಾಗುವುದು ಕೆಲಸ ಮಾಡಿದವರ ಕಥೆ. ಆಗ ದೇಶದಲ್ಲಿ ಕಾಲುವೆ ಎಂಜಿನಿಯರುಗಳೇ ಇರಲಿಲ್ಲ ಎನ್ನಬಹುದು. ಉಸ್ತುವಾರಿ ಹೊತ್ತ ಬೆಂಜಮಿನ್ ರೈಟ್, ಜೇಮ್ಸ್ ಗೆಡ್ಡಿಸ್ ಇಬ್ಬರೂ ಜಮೀನು ಅಳೆದು, ನ್ಯಾಯಾಧೀಶರಾಗಿದ್ದವರು. ಕ್ಯಾನ್ವಾಸ್ ವೈಟ್ ಎಂಬ ಯುವಕ ಇಂಗ್ಲೆಂಡಿಗೆ ಹೋಗಿ ಅಲ್ಲಿನ ಕಾಲುವೆಗಳನ್ನು ನೋಡಿಕೊಂಡು ಬಂದ. ನೀರಿನಡಿಯಲ್ಲೂ ಗಟ್ಟಿಯಾಗುವ ಸಿಮೆಂಟಿಗೆ ಬೇಕಾದ ಸುಣ್ಣದ ಕಲ್ಲು ನ್ಯೂಯಾರ್ಕ್ ರಾಜ್ಯದಲ್ಲೇ ಸಿಗುತ್ತದೆ ಎಂದು ತೋರಿಸಿಕೊಟ್ಟ. ಸರೋವರಕ್ಕೂ ಹಡ್ಸನ್ ನದಿಗೂ ಎತ್ತರದಲ್ಲಿ ಸುಮಾರು 570 ಅಡಿ ವ್ಯತ್ಯಾಸ. ದೋಣಿಗಳನ್ನು ಹಂತಹಂತವಾಗಿ ಏರಿಸಲು, ಇಳಿಸಲು 83 ಲಾಕ್‌ಗಳನ್ನು, ಅಂದರೆ ಎರಡೂ ತುದಿಗೆ ಬಾಗಿಲಿರುವ ನೀರಿನ ತೊಟ್ಟಿಗಳನ್ನು, ಕಟ್ಟಿದರು. ಕಾಲುವೆ ನಾಲ್ಕೇ ಅಡಿ ಆಳ. ದೋಣಿಗೆ ಕಟ್ಟಿದ ಹಗ್ಗವನ್ನು ದಡದ ಮೇಲೆ ಹೇಸರಗತ್ತೆಗಳು ಎಳೆಯುತ್ತಿದ್ದವು. ಮಾಂಟೆಜುಮಾ ಜೌಗಿನಲ್ಲಿ ಅಗೆಯುತ್ತಿದ್ದ ಕೂಲಿಗಳು ಮಲೇರಿಯಾದಿಂದ ಸತ್ತರು. ಅವರಲ್ಲಿ ಐರ್ಲೆಂಡಿನಿಂದ ಬಂದವರು ಬಹಳ.

1825ರಲ್ಲಿ ಕಾಲುವೆ ಪೂರ್ತಿ ತೆರೆಯಿತು. ಖರ್ಚು ಸುಮಾರು 70 ಲಕ್ಷ ಡಾಲರ್. ಬಫಲೋದಿಂದ ನ್ಯೂಯಾರ್ಕ್ ನಗರಕ್ಕೆ ಒಂದು ಟನ್ ಸರಕು ಸಾಗಿಸಲು ಮೊದಲು 100 ಡಾಲರಿನಷ್ಟು ಆಗುತ್ತಿತ್ತು. ಅದು 10 ಡಾಲರಿನ ಆಸುಪಾಸಿಗೆ ಇಳಿಯಿತು. ಒಳನಾಡಿನ ಗೋಧಿ ಬಂದರಿಗೆ ಹರಿದುಬಂತು. ರಾಚೆಸ್ಟರ್ ಹಿಟ್ಟಿನ ಗಿರಣಿಗಳ ಊರಾಯಿತು. ನ್ಯೂಯಾರ್ಕ್ ಬಂದರು ಉಳಿದ ಬಂದರುಗಳನ್ನು ಹಿಂದೆ ಹಾಕಿತು. ಸಾಲ ತೀರಿದ್ದು ಸುಂಕದ ಹಣದಿಂದಲೇ. ಆದರೆ ಆ ನೆಲ ಮೊದಲು ಒನೈಡಾ, ಸೆನೆಕಾ ಮುಂತಾದ ಮೂಲನಿವಾಸಿಗಳದು. ದೋಣಿಗಳ ಜೊತೆ ವಲಸೆ ಬಂದವರು ಹೆಚ್ಚಿದಂತೆ ಅವರ ನೆಲ ಇನ್ನಷ್ಟು ಕೈತಪ್ಪಿತು. ಕಾಲುವೆಯ ಲಾಭದ ಲೆಕ್ಕ ಹೇಳುವವರು ಇದನ್ನೂ ಹೇಳಬೇಕು, ಅಲ್ವಾ?

ಪ್ರಶ್ನೆ: ಅಮೆರಿಕದ ಹಳ್ಳಿಗಳಲ್ಲಿ ಮೊದಲಿನಿಂದಲೂ ಕರೆಂಟ್ ಇತ್ತೇ?
*ಗೃಹಿಣಿಯೊಬ್ಬರು*

ಇರಲಿಲ್ಲ. 1935ರಲ್ಲಿ ನಗರಗಳ ಹತ್ತು ಮನೆಗಳಲ್ಲಿ ಒಂಬತ್ತಕ್ಕೆ ಕರೆಂಟ್ ಇತ್ತು. ರೈತರ ಮನೆಗಳಲ್ಲಿ ಹತ್ತಕ್ಕೆ ಒಂದರಲ್ಲಿ ಮಾತ್ರ. ಮೈಲಿಗೆ ಎರಡು ಮೂರು ಮನೆ ಇರುವ ಕಡೆ ತಂತಿ ಎಳೆದರೆ ನಮಗೇನು ಗಿಟ್ಟುತ್ತದೆ ಎಂದು ಖಾಸಗಿ ಕಂಪನಿಗಳು ಕೈಕಟ್ಟಿ ಕೂತಿದ್ದವು.

ಆ ವರ್ಷ ಮೇ ತಿಂಗಳಲ್ಲಿ ಅಧ್ಯಕ್ಷ ರೂಸ್‌ವೆಲ್ಟ್ ಗ್ರಾಮೀಣ ವಿದ್ಯುದೀಕರಣಕ್ಕೆಂದೇ ಒಂದು ಇಲಾಖೆ ತೆರೆದರು. ಮರುವರ್ಷ ಅದಕ್ಕೆ ಕಾನೂನಿನ ಬಲ ಬಂತು. ಸರ್ಕಾರ ಕಡಿಮೆ ಬಡ್ಡಿಗೆ ಸಾಲ ಕೊಟ್ಟಿತು. ರೈತರು ಸಾಮಾನ್ಯವಾಗಿ ಐದು ಡಾಲರ್ ಕೊಟ್ಟು ಸದಸ್ಯರಾಗಿ ತಾವೇ ಸಹಕಾರ ಸಂಘ ಕಟ್ಟಿಕೊಂಡರು. ಎಂಜಿನಿಯರುಗಳು ಗಟ್ಟಿ ತಂತಿ ಬಳಸಿ ಕಂಬಗಳ ನಡುವಿನ ದೂರ ಹೆಚ್ಚಿಸಿದರು. ಕಂಬ ಕಡಿಮೆಯಾದಂತೆ ಖರ್ಚೂ ಇಳಿಯಿತು. ಹೊಸ ಸಂಘದ ದಾರಿಗೆ ಅಡ್ಡ ಬರಲೆಂದೇ ಕೆಲವು ಕಂಪನಿಗಳು ಒಳ್ಳೆಯ ಗಿರಾಕಿಗಳಿದ್ದ ಕಡೆಗೆ ಮಾತ್ರ ರಾತ್ರೋರಾತ್ರಿ ತಂತಿ ಎಳೆದದ್ದೂ ಇದೆ.

ನಿಮ್ಮ ಪತ್ರದಲ್ಲಿ ಬಟ್ಟೆ ಒಗೆಯುವ ಮಾತಿತ್ತು. ಸರಿಯಾದ ಜಾಗಕ್ಕೇ ಕೈ ಇಟ್ಟಿದ್ದೀರಿ. ಟೆಕ್ಸಸ್‌ನ ಗುಡ್ಡಗಾಡಿನಲ್ಲಿ ಹೆಂಗಸರು ಬಾವಿಯಿಂದ ನೀರು ಸೇದಿ, ಹೊತ್ತು ತಂದು, ಅಂಗಳದಲ್ಲಿ ಕುದಿಸಿ ಬಟ್ಟೆ ಒಗೆಯುತ್ತಿದ್ದರು. ಮಾರನೇ ದಿನ ಇಸ್ತ್ರಿ. ಕಬ್ಬಿಣದ ಪೆಟ್ಟಿಗೆಯನ್ನು ಸೌದೆ ಒಲೆಯ ಮೇಲೆ ಕಾಯಿಸಬೇಕು. ಅದು ಕೆಲವೇ ನಿಮಿಷಗಳಲ್ಲಿ ಆರಿಹೋಗುತ್ತದೆ, ಮತ್ತೆ ಒಲೆಗೆ ಇಡಬೇಕು. ತಳಕ್ಕೆ ಮಸಿ ಅಂಟಿದ್ದರೆ ಒಗೆದ ಬಟ್ಟೆಯೇ ಕೊಳೆ. ಬೇಸಿಗೆಯಲ್ಲೂ ಒಲೆ ಉರಿಯುತ್ತಲೇ ಇರಬೇಕು. 1930ರ ದಶಕದ ಕೊನೆಯಲ್ಲಿ ಅಲ್ಲಿ ಪೆಡರ್ನಾಲಿಸ್ ಸಹಕಾರ ಸಂಘಕ್ಕೆ ಸಾಲ ಕೊಡಿಸಲು ಓಡಾಡಿದ ಯುವ ಸಂಸದ ಲಿಂಡನ್ ಜಾನ್ಸನ್. ಮುಂದೆ ಅಧ್ಯಕ್ಷರಾದರು.

ಕರೆಂಟ್ ಬಂದ ಮೇಲೂ ಅದನ್ನು ಬಳಸುವುದು ಹೇಗೆ ಎಂದು ಜನಕ್ಕೆ ಗೊತ್ತಿರಲಿಲ್ಲ. ಇಲಿನಾಯ್‌ನ ಕರೆಂಟಿಲ್ಲದ ಹೊಲದ ಮನೆಯಲ್ಲಿ ಬೆಳೆದ ಲೂಯಿಸನ್ ಮೇಮರ್ ಇಲಾಖೆಯ ಪರವಾಗಿ ಊರೂರಿಗೆ ಹೋಗಿ, ಡೇರೆ ಹಾಕಿ, ಹೊಸ ಒಲೆಯಲ್ಲಿ ಅಡುಗೆ ಮಾಡಿ ತೋರಿಸುತ್ತಿದ್ದರು. 1950ರ ದಶಕದ ಮೊದಲ ವರ್ಷಗಳ ಹೊತ್ತಿಗೆ ಹತ್ತರಲ್ಲಿ ಸುಮಾರು ಒಂಬತ್ತು ರೈತರ ಮನೆಗಳಲ್ಲಿ ದೀಪ ಉರಿಯುತ್ತಿತ್ತು. ಆ ಬಗೆಯ ಸಂಘಗಳು ಇಂದಿಗೂ ಸುಮಾರು 900 ಇವೆ. ಲಾಭ ನೋಡಿ ಬಿಟ್ಟ ಜಾಗಕ್ಕೆ ಜನರೇ ಸೇರಿ ಬೆಳಕು ತಂದರಲ್ಲ, ಅಮೆರಿಕದ ಇತಿಹಾಸದಲ್ಲಿ ನನಗೆ ಅತ್ಯಂತ ಹೆಮ್ಮೆ ಅನ್ನಿಸುವ ಕೆಲಸ ಇದು.

ಪ್ರಶ್ನೆ: ಹೈವೇಗಳು ಕಪ್ಪು ಜನರ ಬಡಾವಣೆಗಳನ್ನು ಒಡೆದವು ಎಂದು ಓದಿದೆ. ರಸ್ತೆಗೆ ಜಾತಿ, ಬಣ್ಣ ಎಲ್ಲಿಂದ ಬಂತು?
*ಎಂಜಿನಿಯರಿಂಗ್ ವಿದ್ಯಾರ್ಥಿನಿ*

ರಸ್ತೆಗೆ ಬಣ್ಣ ಇಲ್ಲಮ್ಮಾ. ರಸ್ತೆ ಎಲ್ಲಿ ಹೋಗಬೇಕು ಎಂದು ಮೇಜಿನ ಸುತ್ತ ಕೂತು ತೀರ್ಮಾನಿಸಿದವರ ಕಣ್ಣಿಗೆ ಇತ್ತು. ನೀನು ಈ ವೃತ್ತಿಗೆ ಬರುವವಳು, ಅದಕ್ಕೇ ವಿವರವಾಗಿ ಹೇಳುತ್ತೇನೆ.

1956ರಲ್ಲಿ ಅಧ್ಯಕ್ಷ ಐಸೆನ್‌ಹೋವರ್ ಅಂತರರಾಜ್ಯ ಹೆದ್ದಾರಿ ಕಾನೂನಿಗೆ ಸಹಿ ಹಾಕಿದರು. 41,000 ಮೈಲಿ ಹೆದ್ದಾರಿ. ಖರ್ಚಿನಲ್ಲಿ ನೂರಕ್ಕೆ 90 ಕೇಂದ್ರದ್ದು. ಹತ್ತು ಸೆಂಟ್ ಹಾಕಿದರೆ ಒಂದು ಡಾಲರಿನ ರಸ್ತೆ ಸಿಗುವಾಗ ಯಾವ ರಾಜ್ಯ ಬೇಡ ಎನ್ನುತ್ತದೆ? ನಗರದೊಳಗೆ ಜಾಗ ಬೇಕಾದಾಗ ಅಗ್ಗದ ನೆಲ ಹುಡುಕಿದರು. ಆ ನೆಲ ಅಗ್ಗವಾಗಿದ್ದದ್ದು ಸುಮ್ನೆ ಅಲ್ಲ. ಕಪ್ಪು ಜನ ವಾಸಿಸುವ ಬಡಾವಣೆಗಳನ್ನು 1930ರ ದಶಕದಲ್ಲೇ ನಕ್ಷೆಯಲ್ಲಿ ಕೆಂಪು ಬಣ್ಣದಿಂದ ಗುರುತು ಹಾಕಿ, ಅಪಾಯದ ಜಾಗ ಎಂದು ಬರೆದಿಟ್ಟಿದ್ದರು. ಅಂಥ ಕಡೆ ಮನೆ ಸಾಲ ಹುಟ್ಟುತ್ತಿರಲಿಲ್ಲ.

ನನ್ನ ಊರಿನ ರಾಂಡೊ ಬಡಾವಣೆಯನ್ನೇ ತೆಗೆದುಕೋ. ಸೇಂಟ್ ಪಾಲ್‌ನ ಕಪ್ಪು ಜನರಲ್ಲಿ ಬಹುಪಾಲು ಅಲ್ಲೇ ಇದ್ದರು. ರೈಲಿನಲ್ಲಿ ಕೆಲಸ ಮಾಡುವವರು, ಅಂಗಡಿಯವರು, ಚರ್ಚುಗಳು, ಸಂಘಗಳು, ಸ್ವಂತ ಮನೆಗಳು. ಮಿನಿಯಾಪೊಲಿಸ್ ಮತ್ತು ಸೇಂಟ್ ಪಾಲ್ ನಡುವಿನ ಹೆದ್ದಾರಿ ರಾಂಡೊ ಬೀದಿಯ ಮೇಲೇ ಹಾಯಬೇಕು ಎಂದಾಯಿತು. ನಗರದ ಯೋಜನಾ ಎಂಜಿನಿಯರ್ ಜಾರ್ಜ್ ಹೆರಾಲ್ಡ್ ಇದನ್ನು ವಿರೋಧಿಸಿದರು. ಉತ್ತರಕ್ಕೆ ರೈಲು ಹಳಿಗಳ ಪಕ್ಕದಲ್ಲಿ ಹೋದರೆ ಇಷ್ಟೊಂದು ಮನೆ ಕೆಡವಬೇಕಾಗಿಲ್ಲ ಎಂದು ಬೇರೆ ದಾರಿ ತೋರಿಸಿದರು. ಅವರ ಮಾತು ನಡೆಯಲಿಲ್ಲ. ಅಂದರೆ ಬೇರೆ ದಾರಿ ಇತ್ತು. ನಕ್ಷೆಯ ಮೇಲೆ ಇತ್ತು! ಈ ವಿಷಯ ನನ್ನನ್ನು ಬಿಡುವುದೇ ಇಲ್ಲ.

ಸುಮಾರು 600 ಕುಟುಂಬಗಳು ಮನೆ ಕಳೆದುಕೊಂಡವು. ಮನೆ ಬಿಡಲು ಒಪ್ಪದ ವೃದ್ಧ ಪಾದ್ರಿ ಜಾರ್ಜ್ ಡೇವಿಸ್ ಅವರನ್ನು 1956ರಲ್ಲಿ ಪೊಲೀಸರು ಬಂದು ಹೊರಹಾಕಿದರು. ಪರಿಹಾರದ ದುಡ್ಡು ಹಿಡಿದು ಹೊರಟರೂ ಬೇರೆ ಬಡಾವಣೆಗಳಲ್ಲಿ ಕಪ್ಪು ಜನರಿಗೆ ಮನೆ ಕೊಡುತ್ತಿರಲಿಲ್ಲ. ಮನೆ ಮಾರುವಾಗ, ಬಾಡಿಗೆಗೆ ಕೊಡುವಾಗ ಬಣ್ಣ ನೋಡಬಾರದು ಎಂಬ ರಾಷ್ಟ್ರೀಯ ಕಾನೂನು ಬಂದದ್ದು 1968ರಲ್ಲಿ. ಎರಡು ನಗರಗಳ ನಡುವಿನ ಹೆದ್ದಾರಿ ಪೂರ್ತಿಯಾಗಿದ್ದೂ ಅದೇ ವರ್ಷ. ಸರ್ಕಾರಿ ಕೆಲಸಕ್ಕೆ ಮನೆ ಕಳೆದುಕೊಂಡವರಿಗೆ ಪುನರ್ವಸತಿ ಕೊಡಲೇಬೇಕು ಎಂಬ ಕಾನೂನು 1970ರದು.

ಡೇಲ್ ಬೀದಿಯ ಸೇತುವೆಯ ಮೇಲೆ ನಿಂತು ನೋಡಿದರೆ ಹೆದ್ದಾರಿ ಕೆಳಗೆ ಆಳದಲ್ಲಿ ಹೋಗುತ್ತದೆ. ಎರಡು ದಡದಲ್ಲೂ ಮನೆಗಳಿವೆ, ಮುಖಾಮುಖಿ. ಪಕ್ಕದಲ್ಲಿ ನಿಂತವರ ಜೊತೆಗೂ ಜೋರಾಗಿ ಮಾತಾಡಬೇಕು, ಅಷ್ಟು ಸದ್ದು. ಎದುರಿನ ಮನೆಗೆ ಹೋಗಬೇಕೆಂದರೆ ಸೇತುವೆ ಇರುವಲ್ಲಿಗೆ ಸುತ್ತಿ ಬರಬೇಕು. 2015ರಲ್ಲಿ ನಗರದ ಮೇಯರ್ ಮತ್ತು ರಾಜ್ಯ ಸಾರಿಗೆ ಇಲಾಖೆಯ ಮುಖ್ಯಸ್ಥರು ಸಾರ್ವಜನಿಕವಾಗಿ ಕ್ಷಮೆ ಕೇಳಿದರು. ಹೆದ್ದಾರಿಯ ಮೇಲೆ ಚಾವಣಿಯಂತೆ ನೆಲ ಹೊದಿಸಿ ಬಡಾವಣೆಯನ್ನು ಮತ್ತೆ ಕೂಡಿಸಬೇಕು ಎಂದು ಅಲ್ಲಿನವರು ಒತ್ತಾಯ ಮಾಡುತ್ತಿದ್ದಾರೆ. ಅದು ಆಗಲೇಬೇಕು ಎಂದು ನನ್ನ ಆಸೆ. ಮಯಾಮಿಯ ಓವರ್‌ಟೌನ್, ನ್ಯೂ ಆರ್ಲಿಯನ್ಸ್‌ನ ಕ್ಲೇಬೋರ್ನ್ ಅವೆನ್ಯೂ, ಡೆಟ್ರಾಯಿಟ್‌ನ ಬ್ಲ್ಯಾಕ್ ಬಾಟಮ್ ಕಥೆಗಳೂ ಹೀಗೇ ಇವೆ. ಹುಡುಕಿ ಓದು.

ಪ್ರಶ್ನೆ: ಈಜುಕೊಳದಂಥ ಸೌಲಭ್ಯವೂ ಇದೇ ಲೆಕ್ಕಕ್ಕೆ ಬರುತ್ತದೆಯೇ?
*ಶಾಲಾ ಶಿಕ್ಷಕರು*

ಖಂಡಿತ. ಬಿಳಿಯರಿಗೆ ಬೇರೆ, ಕಪ್ಪು ಜನರಿಗೆ ಬೇರೆ ಎನ್ನುವುದು ಹೋಗಿ ಎಲ್ಲರಿಗೂ ಒಂದೇ ಕೊಳ ಎಂದಾದಾಗ ಮಿಸಿಸಿಪಿಯ ಜಾಕ್ಸನ್ ನಗರ ತನ್ನ ಈಜುಕೊಳಗಳನ್ನೇ ಮುಚ್ಚಿತು. ಕಪ್ಪು ನಾಗರಿಕರು ಕೋರ್ಟಿಗೆ ಹೋದರು. 1971ರಲ್ಲಿ ಸುಪ್ರೀಂ ಕೋರ್ಟ್ 5–4 ಬಹುಮತದಿಂದ ನಗರದ ಪರ ತೀರ್ಪು ಕೊಟ್ಟಿತು. ಕೊಳ ಎಲ್ಲರಿಗೂ ಮುಚ್ಚಿದೆಯಲ್ಲ, ಭೇದ ಎಲ್ಲಿದೆ ಎಂಬ ವಾದ ಗೆದ್ದಿತು. ಹಂಚಿಕೊಳ್ಳಬೇಕಾದರೆ ನಮಗೂ ಬೇಡ ಎಂದು ಒಂದು ಊರು ತನ್ನ ಮಕ್ಕಳ ನೀರನ್ನೇ ಕಿತ್ತುಕೊಂಡದ್ದು ನನಗೆ ಇಂದಿಗೂ ಸಂಕಟ ತರುತ್ತದೆ.

ಪ್ರಶ್ನೆ: ಪೆಟ್ರೋಲ್ ತೆರಿಗೆಯಿಂದ ರಸ್ತೆ ಖರ್ಚು ಹುಟ್ಟುತ್ತದೆಯೇ?
*ಬ್ಯಾಂಕ್ ನೌಕರರು*

ಈಗ ಸಾಲುವುದಿಲ್ಲ. ಅಮೆರಿಕದ ಕೇಂದ್ರ ತೆರಿಗೆ ಗ್ಯಾಲನ್‌ಗೆ 18.4 ಸೆಂಟ್. 1993ರಿಂದ ಹಾಗೇ ನಿಂತಿದೆ. ಬೆಲೆಗಳೆಲ್ಲ ಏರಿವೆ, ಕಾರುಗಳು ಕಡಿಮೆ ಪೆಟ್ರೋಲ್ ಕುಡಿಯುತ್ತವೆ. 2008ರಿಂದ ಖಜಾನೆಯ ಬೇರೆ ಹಣವನ್ನು ತಂದು ಸುರಿಯುತ್ತಿದ್ದಾರೆ.

ಪ್ರಶ್ನೆ: ಮಿನಿಯಾಪೊಲಿಸ್ ಸೇತುವೆ ಬಿದ್ದದ್ದು ತುಕ್ಕು ಹಿಡಿದಿದ್ದಕ್ಕೆ ತಾನೇ?
*ನಿವೃತ್ತ ಓವರ್‌ಸಿಯರ್*

ಹಾಗೆಂದೇ ಎಲ್ಲರೂ ಅಂದುಕೊಂಡರು. ತನಿಖೆ ಬೇರೆ ಹೇಳಿತು. 2007ರ ಆಗಸ್ಟ್ 1ರ ಸಂಜೆ, ಕಚೇರಿ ಬಿಡುವ ಹೊತ್ತಿನಲ್ಲಿ, ಮಿಸಿಸಿಪಿ ನದಿಯ ಮೇಲಿನ ಆ ಸೇತುವೆ ಕುಸಿಯಿತು. 13 ಜನ ಸತ್ತರು. ಮಕ್ಕಳಿದ್ದ ಬಸ್ಸೊಂದು ಅದರ ಮೇಲಿತ್ತು. ಪುಣ್ಯಕ್ಕೆ ಎಲ್ಲರೂ ಬದುಕಿದರು.

ಉಕ್ಕಿನ ತೊಲೆಗಳು ಕೂಡುವ ಕಡೆ ಅವನ್ನು ಸೇರಿಸಿ ಹಿಡಿಯಲು ಗಸೆಟ್ ಪ್ಲೇಟ್ ಎಂಬ ಉಕ್ಕಿನ ಹಲಗೆ ಹಾಕುತ್ತಾರೆ, ನಿಮಗೆ ಗೊತ್ತೇ ಇದೆ. ಕೆಲವು ಮುಖ್ಯ ಕೀಲುಗಳಲ್ಲಿ ಆ ಪ್ಲೇಟ್ ಅರ್ಧ ಇಂಚು ದಪ್ಪ ಇತ್ತು. ಸುಮಾರು ಅದರ ಎರಡರಷ್ಟು ಬೇಕಿತ್ತು. ತಪ್ಪು ಆಗಿದ್ದು 1960ರ ದಶಕದ ವಿನ್ಯಾಸದಲ್ಲಿ. ಆಮೇಲೆ ಸೇತುವೆಯ ಮೇಲೆ ಕಾಂಕ್ರೀಟ್ ಕೂಡಿಸುತ್ತಾ ಹೋದರು, ಭಾರ ಏರಿತು. ಆ ದಿನ ರಿಪೇರಿಗೆಂದು ತಂದ ಜಲ್ಲಿ, ಮರಳು, ಯಂತ್ರಗಳೂ ಮೇಲಿದ್ದವು. ನಮ್ಮ ಕೆಲಸದಲ್ಲಿ ತಪಾಸಣೆ ಎಂದರೆ ತುಕ್ಕು, ಬಿರುಕು ಹುಡುಕುವುದು. ಪ್ಲೇಟಿನ ದಪ್ಪವೇ ತಪ್ಪಿರಬಹುದು ಎಂದು ಯಾರೂ ಮತ್ತೆ ಲೆಕ್ಕ ಹಾಕುತ್ತಿರಲಿಲ್ಲ.

ಆಮೇಲೆ ಹಳೆಯ ಸೇತುವೆಗಳ ಗಸೆಟ್ ಪ್ಲೇಟ್‌ಗಳನ್ನು ಹೊಸದಾಗಿ ನೋಡಲು ಶುರು ಮಾಡಿದರು. ಮರುವರ್ಷ ಮಾರ್ಚ್‌ನಲ್ಲಿ ಇದೇ ರಾಜ್ಯದ ಸೇಂಟ್ ಕ್ಲೌಡ್‌ನಲ್ಲಿ ಡಿಸೊಟೊ ಸೇತುವೆಯ ಪ್ಲೇಟ್‌ಗಳು ಬಾಗಿರುವುದು ಕಂಡಿತು. ತಕ್ಷಣ ಸಂಚಾರ ನಿಲ್ಲಿಸಿದರು. ಆ ಸೇತುವೆಯನ್ನು ಕೆಡವಿ 2009ರಲ್ಲಿ ಅದೇ ಜಾಗದಲ್ಲಿ ಹೊಸದು ತೆರೆದರು.