ಸೀಲ್ ಇದೆ, ಆದ್ರೂ ತೂಕ ಕಮ್ಮಿ ಯಾಕೆ?

ಪ್ರಶ್ನೆ: ನಾನು ಸಾಮಾನು ತಗೊಳೋ ಕಡೆ ಎಲೆಕ್ಟ್ರಾನಿಕ್ ತಕ್ಕಡಿಗೆ ಸೀಲ್ ಹಾಕಿದಾರೆ, ಡೇಟೂ ಮುಗಿದಿಲ್ಲ. ಆದ್ರೂ ಮನೆಗೆ ಬಂದು ತೂಗಿದ್ರೆ ಕಮ್ಮಿ ಬರುತ್ತೆ. ಸೀಲ್ ಇದ್ರೂ ಮೋಸ ಮಾಡೋಕಾಗುತ್ತಾ?

ಉತ್ತರ: ಆಗುತ್ತೆ, ಸೀಲ್ ಮುಟ್ಟದೇನೇ ಆಗುತ್ತೆ. ಸೀಲ್ ಹೇಳೋದು ಇಷ್ಟೇ: ತೂಕ-ಅಳತೆ ಪರೀಕ್ಷೆ ಮಾಡೋ ಸರ್ಕಾರಿ ಅಧಿಕಾರಿ ಬಂದ ದಿನ ಮೆಷಿನ್ ಸರಿ ಇತ್ತು, ಆಮೇಲೆ ಯಾರೂ ಒಳಗಿನ ಸೆಟ್ಟಿಂಗ್ ಬಿಚ್ಚಿಲ್ಲ ಅಂತ. ಆವತ್ತು ಅವರು ಪ್ರಮಾಣಿತ ತೂಕದ ಬಟ್ಟುಗಳನ್ನ ಇಟ್ಟು ನೋಡಿರ್ತಾರೆ, ತಟ್ಟೆ ನಡುವೆ ಮಾತ್ರ ಅಲ್ಲ, ಒಂದೊಂದು ಮೂಲೆಗೂ ಇಟ್ಟು, ಯಾಕಂದ್ರೆ ಕೆಟ್ಟ ತಕ್ಕಡಿ ನಡುವೆ ಸರಿ ತೋರಿಸಿ ಮೂಲೇಲಿ ತಪ್ಪು ತೋರಿಸಬಹುದು. ಆದ್ರೆ ತೂಗೋ ಕೈಗೆ ಯಾರು ಸೀಲ್ ಹಾಕ್ತಾರೆ ಹೇಳಿ?

ಮುಂದಿನ ಸಲ ಡಿಸ್‌ಪ್ಲೇ ನೋಡಿ. ತಟ್ಟೆ ಖಾಲಿ ಇದ್ದಾಗ ಸೊನ್ನೆ ಇರಬೇಕು, 20 ಗ್ರಾಂ ಅಂತ ತೋರಿಸ್ತಿದ್ರೆ ಆ 20 ಗ್ರಾಂ ಪ್ರತಿ ಗಿರಾಕಿ ತಲೆ ಮೇಲೇ. ಆಮೇಲೆ ಡಬ್ಬ. ಖಾಲಿ ಡಬ್ಬ ಇಟ್ಟು ಟೇರ್ ಬಟನ್ ಒತ್ತಿ ಮತ್ತೆ ಸೊನ್ನೆ ಬಂದ್ಮೇಲೆ ಸಾಮಾನು ಹಾಕಬೇಕು, ಇಲ್ಲಾಂದ್ರೆ 40 ಗ್ರಾಂ ಪ್ಲಾಸ್ಟಿಕ್ಕಿಗೂ ನೀವು ಸಾಮಾನಿನ ರೇಟೇ ಕೊಟ್ಟು ಬರ್ತೀರ. ಅರ್ಧಕ್ಕರ್ಧ ಜಗಳ ಇಲ್ಲೇ ಇರೋದು ಅಂತ ನನ್ನ ಅನಿಸಿಕೆ. ಇದನ್ನ ಹಿಡಿಯೋಕೇ ಅಧಿಕಾರಿಗಳು ಮಾಮೂಲಿ ಗಿರಾಕಿ ಥರ ಹೋಗಿ ಸಾಮಾನು ಕೊಂಡು, ಕೈಗೆ ಬಂದ್ಮೇಲೆ ಅದನ್ನೇ ತಿರುಗಾ ತೂಗಿಸ್ತಾರೆ.

ಒಂದ್ಮಾತು, ನಿಮ್ಮ ಮನೆ ತಕ್ಕಡೀನ ಯಾರು ಪರೀಕ್ಷೆ ಮಾಡಿದಾರೆ? ಅದನ್ನ ನಂಬ್ಕೊಂಡು ಜಗಳಕ್ಕೆ ಹೋಗ್ಬೇಡಿ.

ಪ್ರಶ್ನೆ: 30 ಗ್ರಾಂ ಸಾಮಾನನ್ನ ದೊಡ್ಡ ತಕ್ಕಡೀಲಿ ತೂಗಿ ಕೊಟ್ರು. ಸರೀನಾ?

ಉತ್ತರ: ತಪ್ಪು. ತಕ್ಕಡಿ ಮೇಲೆ ಮ್ಯಾಕ್ಸ್ (ತೂಗಬಹುದಾದ ಅತಿ ಹೆಚ್ಚು ತೂಕ), ಮಿನ್ (ಅತಿ ಕಮ್ಮಿ ತೂಕ), ಇ (ತಕ್ಕಡಿ ಪರೀಕ್ಷೆಗೆ ಲೆಕ್ಕ ಹಿಡಿಯೋ ತೂಕದ ಒಂದು ಹೆಜ್ಜೆ) ಅಂತ ಬರೆದಿರುತ್ತೆ, ಯಾರೂ ಓದಲ್ಲ. ಮ್ಯಾಕ್ಸ್ 15 ಕೆಜಿ, ಇ 5 ಗ್ರಾಂ ಅಂತಿದ್ರೆ, ಅಂಗಡಿಗಳಲ್ಲಿ ಬಳಸೋ ಮೂರನೇ ದರ್ಜೆ ತಕ್ಕಡಿಗೆ ಮಿನ್ ಅಂದ್ರೆ ಇ-ಯ 20 ಪಟ್ಟು, 100 ಗ್ರಾಂ. ಬಳಕೇಲಿರೋ ತಕ್ಕಡಿಗೆ ಕಮ್ಮಿ ತೂಕದಲ್ಲಿ ಒಂದು ಇ-ಯಷ್ಟು ತಪ್ಪನ್ನ ಅಂತರರಾಷ್ಟ್ರೀಯ ನಿಯಮ ಒಪ್ಪುತ್ತೆ. 5 ಕೆಜೀಲಿ 5 ಗ್ರಾಂ ಲೆಕ್ಕಕ್ಕಿಲ್ಲ, 30 ಗ್ರಾಮಲ್ಲಿ 5 ಅಂದ್ರೆ ಆರರಲ್ಲಿ ಒಂದು ಪಾಲು ಹೋಯ್ತು! ಮೆಷಿನ್ ಕೆಟ್ಟಿಲ್ಲ, ಅದರ ಕೆಲಸ ಅದಲ್ಲ ಅಷ್ಟೇ. ಚಿಕ್ಕ ತಕ್ಕಡಿ ಕೇಳಿ.

ಪ್ರಶ್ನೆ: 500 ಗ್ರಾಂ ಅಂತ ಬರೆದ ಪ್ಯಾಕೆಟ್ಟಲ್ಲಿ 488 ಇತ್ತು. ಕಂಪ್ಲೇಂಟ್ ಕೊಡ್ಲಾ?

ಉತ್ತರ: ಕೊಡಿ, ಆದ್ರೆ ಆ ಒಂದು ಪ್ಯಾಕೆಟ್ಟಿಂದ ಕೇಸ್ ನಿಲ್ಲದೇ ಇರಬಹುದು. ಕಾನೂನು ಮಾಪನದ (ಅಂದ್ರೆ ತೂಕ-ಅಳತೆ ಕಾನೂನಿನ) ಅಂತರರಾಷ್ಟ್ರೀಯ ಸಂಸ್ಥೆ ಓಐಎಂಎಲ್ (1955ರಲ್ಲಿ ಶುರುವಾಗಿದ್ದು) ಇದಕ್ಕೊಂದು ಶಿಫಾರಸು ಮಾಡಿದೆ. ಅದರ ಪ್ರಕಾರ 500 ಗ್ರಾಂ ಪ್ಯಾಕೆಟ್ಟಲ್ಲಿ 15 ಗ್ರಾಂ ಕೊರತೆ ತನಕ ಸಹಿಸಬಹುದು, ಹಾಗಂತ ಎಲ್ಲದಕ್ಕೂ 488 ತುಂಬೋ ಹಾಗಿಲ್ಲ, ಇಡೀ ಬ್ಯಾಚಿನ ಸರಾಸರಿ 500ಕ್ಕಿಂತ ಕೆಳಗೆ ಬರಬಾರದು, 30 ಗ್ರಾಮಿಗಿಂತ ಜಾಸ್ತಿ ಕಮ್ಮಿ ಇರೋ ಪ್ಯಾಕೆಟ್ ಒಂದೂ ಇರಬಾರದು. ಅಧಿಕಾರಿಗಳು ಅದೇ ಬ್ಯಾಚಿಂದ ಒಂದಷ್ಟು ಎತ್ಕೊಂಡು, ಖಾಲಿ ಕವರ್ ತೂಕ ಕಳೆದು ಲೆಕ್ಕ ಹಾಕೋದು ಇದಕ್ಕೇ. ಹಾಗಾಗಿ ಬಿಲ್, ಬ್ಯಾಚ್ ನಂಬರ್, ಸಿಕ್ಕಿದ್ರೆ ಅದೇ ಬ್ಯಾಚಿನ ಒಡೆಯದ ಇನ್ನೊಂದು ಪ್ಯಾಕೆಟ್ ಇಟ್ಕೊಂಡು ಹೋಗಿ.

ಪ್ರಶ್ನೆ: ತಕ್ಕಡೀನ ಬೇರೆ ಊರಿಗೆ ತಗೊಂಡು ಹೋದ್ರೆ ತೂಕ ಬದಲಾಗುತ್ತಂತೆ, ಹೌದಾ?

ಉತ್ತರ: ಎಲೆಕ್ಟ್ರಾನಿಕ್ ಆದ್ರೆ ಹೌದು, ಗುರುತ್ವ ಎಲ್ಲಾ ಕಡೆ ಒಂದೇ ಸಮ ಇಲ್ಲ. ಧ್ರುವದಲ್ಲಿ ಸೆಟ್ ಮಾಡಿದ್ದನ್ನ ಸಮಭಾಜಕದ ಹತ್ರ ಇಟ್ರೆ ಕೆಜಿಗೆ ಸುಮಾರು 5 ಗ್ರಾಂ ಕಮ್ಮಿ ತೋರಿಸುತ್ತೆ. ಎರಡು ತಟ್ಟೆಯ ಹಳೇ ತಕ್ಕಡಿಗೆ ಈ ರಗಳೆನೇ ಇಲ್ಲ, ಆಕಡೆ ಬಟ್ಟೂ ಹಗುರ ಆಗುತ್ತಲ್ಲ.